ಕಮಾನಿನಲ್ಲಿ ಊರು: ಇಂದಿನ ಬ್ರಿಟಿಷ್ ಜನಪದ ಪಿಟೀಲಿನ ಒಂದು ಸಂಕಲನ

ಎಲ್ಲರಿಗೂ ನಮಸ್ಕಾರ.

ಪಿಟೀಲು ಅನ್ನುವ ಮಾತಿನಿಂದಲೇ ಶುರು ಮಾಡುತ್ತೇನೆ. ಇಂಗ್ಲಿಷರು ಫಿಡಲ್ ಅಂದರು, ನಮ್ಮ ಬಾಯಲ್ಲಿ ಅದು ಪಿಟೀಲು ಆಯಿತು. ಕಛೇರಿಯ ಆಹ್ವಾನ ಪತ್ರಿಕೆಯಲ್ಲಿ ವಯಲಿನ್ ಅಂತ ಅಚ್ಚು ಹಾಕಿಸುತ್ತೇವೆ. ಮನೆಗೆ ಬಂದ ಮೇಲೆ ಪಿಟೀಲು ಅನ್ನುತ್ತೇವೆ. ಯಾರಾದರೂ ಒಂದೇ ವಿಷಯ ಎಳೆದರೆ ‘ಸುಮ್ನೆ ಪಿಟೀಲು ಕುಯ್ಯಬೇಡ’ ಅಂತಲೂ ಬೈಯುತ್ತೇವೆ. ಬ್ರಿಟನ್ನಿನಲ್ಲೂ ಕಥೆ ಇದೇ. ವಾದ್ಯ ಒಂದೇ. ಆರ್ಕೆಸ್ಟ್ರಾದಲ್ಲಿ ಕೂತರೆ ವಯಲಿನ್, ಪಬ್ಬಿನ ಮೂಲೆಯಲ್ಲಿ ಕೂತರೆ ಫಿಡಲ್.

ಅಲ್ಲಿನ ಇಂದಿನ ಜನಪದ ಪಿಟೀಲುಗಾರರ ಸಂಕಲನ ಆಲ್ಬಂ ಬಗ್ಗೆ ಮಾತಾಡಿ ಅಂತ ನನ್ನನ್ನು ಕರೆದಿದ್ದೀರಿ. ಅಂಥವು ಹಲವು ಬಂದಿವೆ. ಯಾರೋ ಜೋಡಿಸಿದ್ದನ್ನು ವಿಮರ್ಶೆ ಮಾಡುವ ಬದಲು ನಾನೇ ಒಂದು ಸಂಕಲನ ಜೋಡಿಸಿ ಪೆನ್ ಡ್ರೈವಿನಲ್ಲಿ ತಂದಿದ್ದೇನೆ. ಮಧ್ಯೆ ಮಧ್ಯೆ ಕೇಳಿಸುತ್ತೇನೆ.

ಸಂಕಲನವೇ ಯಾಕೆ? ಒಬ್ಬರ ಇಡೀ ಆಲ್ಬಂ ಕೇಳುತ್ತಾ ಹೋದರೆ ಕಿವಿ ಅವರಿಗೆ ಒಗ್ಗಿಬಿಡುತ್ತದೆ. ಮದುವೆ ಮನೆಯಲ್ಲಿ ಅಣ್ಣ ತಮ್ಮಂದಿರನ್ನು ಒಂದೇ ಸಾಲಿನಲ್ಲಿ ಊಟಕ್ಕೆ ಕೂರಿಸಿದಾಗಲೇ ಅಲ್ವಾ ಯಾರ ಮೂಗು ಹೇಗಿದೆ ಅಂತ ಕಾಣೋದು? ಇದೂ ಹಾಗೆಯೇ.

ನನಗೆ ಈ ಮೂಗು ಮೊದಲು ಕಂಡದ್ದು ಇಂಗ್ಲೆಂಡಿನ ಉತ್ತರದ ನ್ಯೂಕ್ಯಾಸಲ್‌ನಲ್ಲಿ. ಕೆಲಸದ ಮೇಲೆ ಎರಡು ವರ್ಷ ಅಲ್ಲಿದ್ದೆ. ಚಿಕ್ಕಂದಿನಲ್ಲಿ ಕಲಿತ ಕರ್ನಾಟಕ ಸಂಗೀತದ ಪಿಟೀಲು ಜೊತೆಗೇ ಬಂದಿತ್ತು. ಅಲ್ಲಿ ವಾರಕ್ಕೊಂದು ರಾತ್ರಿ ಪಬ್ಬುಗಳಲ್ಲಿ ‘ಸೆಷನ್’ ನಡೆಯುತ್ತದೆ. ವೇದಿಕೆ ಇಲ್ಲ, ಮೈಕ್ ಇಲ್ಲ. ಮೇಜಿನ ಸುತ್ತ ಕೂತು ಒಬ್ಬರು ಒಂದು ಮಟ್ಟು ಎತ್ತುತ್ತಾರೆ, ಗೊತ್ತಿದ್ದವರು ಸೇರಿಕೊಳ್ಳುತ್ತಾರೆ. ನಾನು ರೆಕಾರ್ಡಿಂಗ್ ಕೇಳಿ ರೀಲ್ ಅನ್ನುವ ಕುಣಿತದ ಮಟ್ಟು ಒಂದನ್ನು ಕಲಿತು ಹೋದೆ. ನುಡಿಸಿದೆ. ಒಂದು ಸ್ವರವೂ ತಪ್ಪಲಿಲ್ಲ. ಮುಗಿದ ಮೇಲೆ ಪಕ್ಕದಲ್ಲಿದ್ದ ಹಿರಿಯರು ಬಿಯರ್ ಲೋಟ ಕೆಳಗಿಟ್ಟು, ‘ಸ್ವರ ಎಲ್ಲಾ ಇದೆ. ಆದರೆ ಇದಕ್ಕೆ ಯಾರೂ ಎದ್ದು ಕುಣಿಯೋದಿಲ್ಲ’ ಅಂದರು.

ಆಮೇಲೆ ಅವರು ಮಾಡಿದ್ದನ್ನು ನಾನು ಮರೆಯುವ ಹಾಗಿಲ್ಲ. ತಮ್ಮ ಪಿಟೀಲು ಎತ್ತಿಕೊಂಡರು. ಎಡಗೈ ಬೆರಳುಗಳನ್ನು ತಂತಿಯಿಂದ ಪೂರ್ತಿ ಮೇಲೆತ್ತಿದರು. ಬರೀ ಒಂದು ಖಾಲಿ ತಂತಿಯ ಮೇಲೆ, ಕಮಾನಿನ ನಡುವಿನ ನಾಲ್ಕು ಬೆರಳಗಲ ಜಾಗದಲ್ಲಿ, ಅದೇ ರೀಲನ್ನು ನುಡಿಸಿದರು. ರಾಗ ಇಲ್ಲ, ಮಟ್ಟು ಇಲ್ಲ. ಕಮಾನು ಹೋಗುವುದು, ಬರುವುದು, ಅಲ್ಲಲ್ಲಿ ಒತ್ತು, ಅಷ್ಟೇ. ಎದುರಿಗಿದ್ದವರ ಕಾಲು ತಾನಾಗಿ ನೆಲ ತಟ್ಟತೊಡಗಿತು. ನನ್ನದೂ.

ನಮ್ಮಲ್ಲಿ ಕಷ್ಟಪಡುವುದೆಲ್ಲ ಎಡಗೈ. ಗಮಕ, ಜಾರು, ನೊಕ್ಕು ಅಂತ ಸ್ವರ ಬಳುಕಿಸುವುದೆಲ್ಲವೂ ಅಲ್ಲಿಯೇ. ಬಲಗೈ ಉದ್ದಕ್ಕೆ ಎಳೆಯಬೇಕು, ಕಮಾನು ತಿರುಗಿದ್ದು ಕೇಳಿಸಬಾರದು, ಹಾಡುವವರ ಉಸಿರಿನ ಹಾಗೆ ಇರಬೇಕು ಅಂತ ನನ್ನ ಗುರುಗಳು ಹೇಳುತ್ತಿದ್ದರು. ಅಲ್ಲಿ ಕಮಾನು ತಿರುಗುವುದು ಕೇಳಿಸಲೇಬೇಕು. ಅದರಲ್ಲೇ ಇರುವುದು ಸಂಗೀತ. ನುಡಿಸುವವರು ಯಾವ ಊರಿನವರು ಅನ್ನುವುದೂ ಅಲ್ಲೇ ಗೊತ್ತಾಗುವುದು.

ಲೆಕ್ಕ ನಮಗೆ ಕಷ್ಟವಲ್ಲ. ರೀಲ್ ಅಂದರೆ ತಕದಿಮಿ ತಕದಿಮಿ. ಜಿಗ್ ಅನ್ನುವ ಇನ್ನೊಂದು ಕುಣಿತದ ಮಟ್ಟು ಅಂದರೆ ತಕಿಟ ತಕಿಟ. ಸ್ಟ್ರಾತ್‌ಸ್ಪೇ ಅಂತ ಒಂದಿದೆ, ಅದು ಸ್ಕಾಟ್ಲೆಂಡಿನ ಸ್ವಂತ ಆಸ್ತಿ. ಅದರಲ್ಲಿ ಮೊದಲು ಗಿಡ್ಡ ಸ್ವರ, ಹಿಂದೆಯೇ ಉದ್ದ ಸ್ವರ: ತ-ಕಾss, ತ-ಕಾss. ಯಾರೋ ಕುತ್ತಿಗೆಪಟ್ಟಿ ಹಿಡಿದು ಜಗ್ಗಿದ ಹಾಗೆ. 18ನೇ ಶತಮಾನದ ನೀಲ್ ಗೌ ಇದರ ದೊಡ್ಡ ಹೆಸರು. ಅವರಾದ ಮೇಲೆ ಜೇಮ್ಸ್ ಸ್ಕಾಟ್ ಸ್ಕಿನ್ನರ್, 1927ರಲ್ಲಿ ತೀರಿಕೊಂಡವರು, ‘ಸ್ಟ್ರಾತ್‌ಸ್ಪೇ ರಾಜ’ ಅಂತಲೇ ಕರೆಸಿಕೊಂಡರು. ಈ ಜಗ್ಗಾಟ ಇಂಗ್ಲೆಂಡಿನ ದಕ್ಷಿಣದವರ ಕೈಗೆ ಸುಲಭಕ್ಕೆ ಬರುವುದಿಲ್ಲ. ನನ್ನ ಕೈಗಂತೂ ಬರಲೇ ಇಲ್ಲ.

ನನ್ನ ಸಂಕಲನದ ಮೊದಲ ಟ್ರ್ಯಾಕ್ ಶೆಟ್‌ಲ್ಯಾಂಡಿನದು. ಸ್ಕಾಟ್ಲೆಂಡಿಗೆ ಸೇರಿದ ದ್ವೀಪಗಳು, ಆದರೆ ನಾರ್ವೆಗೂ ಹತ್ತಿರ. ಅಲ್ಲಿನವರು ಮಟ್ಟು ನುಡಿಸುವಾಗ ಪಕ್ಕದ ಖಾಲಿ ತಂತಿಗೂ ಕಮಾನು ತಾಗಿಸುತ್ತಲೇ ಇರುತ್ತಾರೆ. ಒಳಗೊಳಗೇ ಒಂದು ಶ್ರುತಿ ಗುಂಯ್‌ಗುಡುತ್ತಾ ಇರುತ್ತದೆ. ತಿಮಿಂಗಿಲ ಬೇಟೆಯ ಹಡಗುಗಳಲ್ಲಿ ಶೆಟ್‌ಲ್ಯಾಂಡಿನವರು ಗ್ರೀನ್‌ಲ್ಯಾಂಡಿನ ಕಡೆ ಹೋಗುತ್ತಿದ್ದರು, ಪಿಟೀಲೂ ಹೋಗುತ್ತಿತ್ತು. ಗುಡ್ಡದೊಳಗಿನ ಟ್ರೌ ಅನ್ನುವ ಪುಟ್ಟ ಭೂತಗಳು ಪಿಟೀಲುಗಾರನನ್ನು ಹೊತ್ತುಕೊಂಡು ಹೋಗಿ ನುಡಿಸಿಕೊಂಡು, ವಾಪಸು ಕಳಿಸುವಾಗ ಒಂದು ಹೊಸ ಮಟ್ಟು ಕೊಟ್ಟು ಕಳಿಸುತ್ತಿದ್ದವು ಅಂತ ಅಲ್ಲಿನ ಕಥೆಗಳು ಹೇಳುತ್ತವೆ. ಹಕ್ಕುಸ್ವಾಮ್ಯದ ತಕರಾರೇ ಇಲ್ಲ ನೋಡಿ.

ಇಲ್ಲಿ ನಮ್ಮವರಿಗೆ ಒಂದು ಗುಟ್ಟು ಹೇಳಬೇಕು. ಪಾಶ್ಚಾತ್ಯ ಸ್ವರಗಳ ಹೆಸರಿನಲ್ಲಿ ಹೇಳಿದರೆ, ಸಾಮಾನ್ಯವಾಗಿ ಪಿಟೀಲಿನ ನಾಲ್ಕು ತಂತಿಗಳ ಶ್ರುತಿ ಕೆಳಗಿನಿಂದ ಮೇಲಕ್ಕೆ ಜಿ, ಡಿ, ಎ, ಇ. ಶೆಟ್‌ಲ್ಯಾಂಡಿನಲ್ಲೂ ಸ್ಕಾಟ್ಲೆಂಡಿನ ಬೇರೆ ಕಡೆಯೂ ಕೆಲವು ಹಳೆಯ ಮಟ್ಟುಗಳಿಗೆ ಕೆಳಗಿನ ಎರಡು ತಂತಿಗಳನ್ನು ಏರಿಸಿ ಎ, ಇ, ಎ, ಇ ಮಾಡಿಕೊಳ್ಳುತ್ತಾರೆ. ಅಂದರೆ ಏನಾಯಿತು? ಸ, ಪ, ಸ, ಪ! ನಾವು ದಿನಾ ಮಾಡಿಕೊಳ್ಳುವ ಶ್ರುತಿಯೇ. ಯಾರೂ ಯಾರಿಂದಲೂ ಕದ್ದದ್ದಲ್ಲ. ತಂಬೂರಿಯ ಹಾಗೆ ಹಿಂದೆ ಏನೋ ಮೊರೆಯುತ್ತಿರಬೇಕು ಅನ್ನುವ ಆಸೆ ಇಬ್ಬರಿಗೂ ಇತ್ತು, ಅಷ್ಟೇ.

ಶೆಟ್‌ಲ್ಯಾಂಡಿನಲ್ಲಿ ಟಾಮ್ ಆಂಡರ್ಸನ್ ಅಂತ ಒಬ್ಬರಿದ್ದರು. ಹುಟ್ಟಿದ್ದು 1910, ತೀರಿಕೊಂಡಿದ್ದು 1991. ಹಳೆಯವರ ಮಟ್ಟುಗಳನ್ನು ಹುಡುಕಿ ಹುಡುಕಿ ಕೂಡಿಟ್ಟರು, ಮಕ್ಕಳಿಗೆ ಕಲಿಸಿದರು. ಇವತ್ತು ಲೋಕಕ್ಕೆ ಗೊತ್ತಿರುವ ಪಿಟೀಲುಗಾರ ಆಲಿ ಬೇನ್ ಆಂಡರ್ಸನ್ನರ ಶಿಷ್ಯ, ಕಟ್ರೀನಾ ಮ್ಯಾಕ್‌ಡೊನಾಲ್ಡ್ ಕೂಡ ಆಂಡರ್ಸನ್ನರ ಶಿಷ್ಯೆ. 1969ರ ಚಳಿಗಾಲದ ಒಂದು ರಾತ್ರಿ ಆಂಡರ್ಸನ್ ತಮ್ಮ ಹುಟ್ಟೂರು ಎಶನೆಸ್‌ನಿಂದ ಹೊರಟು ಹಿಂದಿರುಗಿ ನೋಡಿದರು. ಹುಡುಗನಾಗಿದ್ದಾಗ ಮನೆ ಮನೆಯಲ್ಲೂ ಕಾಣುತ್ತಿದ್ದ ದೀಪಗಳಲ್ಲಿ ಉಳಿದದ್ದು ಬೆರಳೆಣಿಕೆಯಷ್ಟು. ಜನ ಊರು ಬಿಟ್ಟಿದ್ದರು. ಹೆಂಡತಿ ಆಗಷ್ಟೇ ತೀರಿಕೊಂಡಿದ್ದರು. ಆಗ ಹುಟ್ಟಿದ ಮಟ್ಟಿಗೆ ‘ಡ ಸ್ಲೊಕಿಟ್ ಲೈಟ್’ ಅಂತ ಹೆಸರಿಟ್ಟರು. ಶೆಟ್‌ಲ್ಯಾಂಡ್ ಮಾತಿನಲ್ಲಿ ಆರಿಹೋದ ದೀಪ ಅಂತ. ಇದು ಕುಣಿತದ ಮಟ್ಟಲ್ಲ, ನಿಧಾನ. ಕೇಳಿ. ಕಮಾನು ಉದ್ದಕ್ಕೆ ಎಳೆದರೂ ಪ್ರತಿ ಸಾಲಿನ ಕೊನೆಯಲ್ಲಿ ಒತ್ತಡ ಹೇಗೆ ಸಡಿಲವಾಗುತ್ತದೆ ಅಂತ ಗಮನಿಸಿ.

ಈಗ ನ್ಯೂಕ್ಯಾಸಲ್ ಕಡೆಗೆ ಇಳಿಯೋಣ. ಟೈನ್ ನದಿಯ ಮೇಲೆ 1849ರಲ್ಲಿ ‘ಹೈ ಲೆವೆಲ್’ ಸೇತುವೆ ತೆರೆಯಿತು. ಕೆಳಗೆ ಗಾಡಿ, ಮೇಲೆ ರೈಲು. ಆ ಊರಿನ ಜೇಮ್ಸ್ ಹಿಲ್ ಅನ್ನುವ ಪಿಟೀಲುಗಾರ ಕಟ್ಟಿದ್ದು ಅಂತ ಹೇಳುವ, ಹಾರ್ನ್‌ಪೈಪ್ ಅನ್ನುವ ಬಗೆಯ ಕುಣಿತದ ಮಟ್ಟುಗಳಲ್ಲಿ ಒಂದಕ್ಕೆ ಈ ಸೇತುವೆಯ ಹೆಸರು, ಇನ್ನೊಂದಕ್ಕೆ ಒಂದು ಓಟದ ಕುದುರೆಯ ಹೆಸರು. ಬೆರಳು ಮುರಿಯುವಷ್ಟು ಕಷ್ಟ. ಇದೇ ಸೀಮೆಯ ಗುಡ್ಡಗಳಲ್ಲಿ ಕುರಿ ಕಾಯುತ್ತಿದ್ದವರು ವಿಲ್ಲಿ ಟೇಲರ್. ಅವರನ್ನು ಕೇಳಿ ಬೆಳೆದವರು ನ್ಯಾನ್ಸಿ ಕರ್. ಇವರು ಹಾಡುತ್ತಲೇ ನುಡಿಸುತ್ತಾರೆ, 2015ರಲ್ಲಿ ಬಿಬಿಸಿ ರೇಡಿಯೊ 2 ಕೊಡುತ್ತಿದ್ದ ವರ್ಷದ ಜನಪದ ಗಾಯಕಿ ಪ್ರಶಸ್ತಿ ಪಡೆದವರು. ಇವರ ಕಮಾನಿನಲ್ಲಿ ಕುರಿ ಕಾಯುವವನ ಅವಸರವಿಲ್ಲದ ನಡಿಗೆ ಇದೆ ಅಂತ ನನಗೆ ಅನಿಸುತ್ತದೆ. ನಿಮಗೆ ಅನಿಸದಿದ್ದರೆ ಜಗಳವೇನಿಲ್ಲ.

ವೇಲ್ಸಿನದು ಒಂದೇ ಟ್ರ್ಯಾಕ್ ಹಾಕಿದ್ದೇನೆ, ಕಲಾನ್ ತಂಡದ್ದು. ಅಲ್ಲಿ ಮೆಥಡಿಸ್ಟ್ ಅನ್ನುವ ಕ್ರೈಸ್ತ ಪಂಥದ ಧರ್ಮಜಾಗೃತಿ ಬಂದ ಕಾಲದಲ್ಲಿ ಕುಣಿತವೂ ಪಿಟೀಲೂ ಪಾಪದ ಪಟ್ಟಿಗೆ ಸೇರಿದವು. ಪರಂಪರೆಯ ದಾರ ಕಡಿದುಹೋಯಿತು. ಈಗಿನವರು ಹಸ್ತಪ್ರತಿಗಳನ್ನು ಹುಡುಕಿ ಮತ್ತೆ ನೇಯುತ್ತಿದ್ದಾರೆ.

ಇಂಗ್ಲೆಂಡಿನ ದಕ್ಷಿಣದಲ್ಲೂ ದಾರ ಕಡಿದಿತ್ತು, ಕಾರಣ ಬೇರೆ. ಹಳ್ಳಿ ಚರ್ಚಿನ ಮಾಳಿಗೆಯಲ್ಲಿ ಪಿಟೀಲು, ಕೊಳಲುಗಳ ಮೇಳ ಇರುತ್ತಿತ್ತು. ಭಾನುವಾರ ಬೆಳಗ್ಗೆ ಸ್ತೋತ್ರ ನುಡಿಸಿದವರೇ ರಾತ್ರಿ ಕುಣಿತಕ್ಕೂ ನುಡಿಸುತ್ತಿದ್ದರು. ಕಾದಂಬರಿಕಾರ ಥಾಮಸ್ ಹಾರ್ಡಿಯ ಮನೆತನ ಅಂಥದ್ದು, ಅವರೂ ಪಿಟೀಲು ನುಡಿಸುತ್ತಿದ್ದರು. 19ನೇ ಶತಮಾನದಲ್ಲಿ ಆರ್ಗನ್, ಹಾರ್ಮೋನಿಯಂ ಬಂದು ಮಾಳಿಗೆ ಖಾಲಿಯಾಯಿತು. ನಮ್ಮಲ್ಲಿ ಜಗಳ ಎಬ್ಬಿಸಿದ ಹಾಗೆ ಹಾರ್ಮೋನಿಯಂ ಅಲ್ಲೂ ಜಗಳಗಂಟಿಯೇ! ಆಮೇಲೆ ಉಳಿದವರು ಅಲ್ಲೊಬ್ಬ ಇಲ್ಲೊಬ್ಬ. ಆಕ್ಸ್‌ಫರ್ಡ್‌ಶೈರಿನ ಬ್ಯಾಂಪ್ಟನ್ನಿನಲ್ಲಿ ಮಾರಿಸ್ ಅನ್ನುವ ಹಳ್ಳಿ ಕುಣಿತಕ್ಕೆ ನುಡಿಸುತ್ತಿದ್ದ ಜಿಂಕಿ ವೆಲ್ಸ್, ಗ್ಲಾಸ್ಟರ್‌ಶೈರಿನ ಸ್ಟೀಫನ್ ಬಾಲ್ಡ್‌ವಿನ್. ಇವರ ಹಳೆಯ ರೆಕಾರ್ಡಿಂಗ್ ಕೇಳಿದರೆ ಶ್ರುತಿ ಅತ್ತಿತ್ತ. ಆದರೆ ಕಾಲು ಮಾತ್ರ ಸುಮ್ಮನೆ ಕೂರುವುದಿಲ್ಲ.

ಈ ಖಾಲಿ ಜಾಗಕ್ಕೆ ಬಂದವರು ಡೇವ್ ಸ್ವಾರ್‌ಬ್ರಿಕ್. 1969ರಲ್ಲಿ ಫೇರ್‌ಪೋರ್ಟ್ ಕನ್ವೆನ್ಷನ್ ಅನ್ನುವ ರಾಕ್ ತಂಡ ಸೇರಿ, ಎಲೆಕ್ಟ್ರಿಕ್ ಗಿಟಾರು, ಡ್ರಮ್ಮುಗಳ ನಡುವೆ ಜಿಗ್ಗು ರೀಲು ನುಡಿಸಿದರು. ತುಟಿಯಲ್ಲಿ ಸಿಗರೇಟು, ಭುಜದ ಮೇಲೆ ಪಿಟೀಲು. ಆ ಸಿಗರೇಟೇ ಆಮೇಲೆ ಶ್ವಾಸಕೋಶ ತಿಂದಿತು. 1999ರಲ್ಲಿ ಕವೆಂಟ್ರಿ ಊರಿನ ಆಸ್ಪತ್ರೆಯಲ್ಲಿದ್ದಾಗ ಡೈಲಿ ಟೆಲಿಗ್ರಾಫ್ ಪತ್ರಿಕೆ ಅವರು ತೀರಿಕೊಂಡರು ಅಂತ ಶ್ರದ್ಧಾಂಜಲಿಯನ್ನೇ ಅಚ್ಚು ಹಾಕಿಬಿಟ್ಟಿತು. ಹಾಸಿಗೆಯಲ್ಲೇ ಅದನ್ನು ಓದಿದ ಸ್ವಾರ್‌ಬ್ರಿಕ್, ಕವೆಂಟ್ರಿಯಲ್ಲಿ ನಾನು ಸತ್ತಿದ್ದು ಇದೇ ಮೊದಲಲ್ಲ ಅಂದರಂತೆ. ಕಛೇರಿ ಕೆಟ್ಟರೆ ಅಲ್ಲಿನ ಕಲಾವಿದರು ‘ಸತ್ತೆ’ ಅನ್ನುತ್ತಾರೆ, ಅದು ತಮಾಷೆ. ಆಮೇಲೆ ಆ ಶ್ರದ್ಧಾಂಜಲಿಗೆ ಸಹಿ ಹಾಕಿ ಮಾರಿದರು ಕೂಡ. 2016ರವರೆಗೆ ಬದುಕಿದ್ದರು.

ಅವರ ನಂತರದ ತಲೆಮಾರಿನಲ್ಲಿ ಎಲಿಜಾ ಕಾರ್ತಿ ನನಗೆ ಎಲ್ಲರಿಗಿಂತ ಇಷ್ಟ. ಅಪ್ಪ ಮಾರ್ಟಿನ್ ಕಾರ್ತಿ, ಅಮ್ಮ ನಾರ್ಮಾ ವಾಟರ್‌ಸನ್, ಇಬ್ಬರೂ ಜನಪದ ಗಾಯನದ ದೊಡ್ಡವರು. ಇವರ ಕಮಾನು ಒರಟು, ಬೇಕೆಂದೇ ಒರಟು. ಮರ ಕುಯ್ದ ಹಾಗೆ ಕೇಳಿಸುತ್ತದೆ. ನಮ್ಮ ‘ಪಿಟೀಲು ಕುಯ್ಯೋದು’ ಇಲ್ಲಿ ಹೊಗಳಿಕೆ! ಡೆವನ್ನಿನ ಸೆತ್ ಲೇಕ್‌ಮನ್ ಹಾಡುತ್ತಾ ಕಮಾನಿನಲ್ಲೇ ಡ್ರಮ್ ಬಾರಿಸುತ್ತಾರೆ. ಅಡುಗೆಮನೆಯಲ್ಲಿ ಬರೀ 300 ಪೌಂಡ್ ಖರ್ಚಿನಲ್ಲಿ ಮಾಡಿದ ಅವರ ಆಲ್ಬಂ 2005ರಲ್ಲಿ, ವರ್ಷದ ಒಳ್ಳೆಯ ಆಲ್ಬಂಗೆ ಕೊಡುವ ಮರ್ಕ್ಯುರಿ ಪ್ರಶಸ್ತಿಯ ಕೊನೆಯ ಪಟ್ಟಿಗೆ ಬಂತು.

ಸ್ಯಾಮ್ ಸ್ವೀನಿಯ ಟ್ರ್ಯಾಕ್ ಹಾಕುವ ಮೊದಲು ಅವರ ಪಿಟೀಲಿನ ಕಥೆ ಕೇಳಿ. ಕೊಂಡಾಗ ಹೊಚ್ಚ ಹೊಸದಾಗಿತ್ತು. ಆದರೆ ಒಳಗೆ ಅಂಟಿಸಿದ ಚೀಟಿಯಲ್ಲಿ ರಿಚರ್ಡ್ ಹೊವಾರ್ಡ್ ಅನ್ನುವ ಹೆಸರು, 1915 ಅನ್ನುವ ಇಸವಿ. ಹುಡುಕಿದಾಗ ತಿಳಿದದ್ದು ಇದು: ಹೊವಾರ್ಡ್ ಲೀಡ್ಸ್ ಊರಿನವನು, ರಂಗದ ಮೇಲೆ ಹಾಡಿ ನಗಿಸುತ್ತಿದ್ದವನು. ಪಿಟೀಲಿನ ತುಂಡುಗಳನ್ನು ಕೆತ್ತಿಟ್ಟಿದ್ದ. ಜೋಡಿಸುವ ಮೊದಲೇ ಸೈನ್ಯಕ್ಕೆ ಕರೆ ಬಂತು. 1917ರ ಜೂನಿನಲ್ಲಿ ಬೆಲ್ಜಿಯಂನ ಮೆಸ್ಸೀನ್ ಕದನದಲ್ಲಿ ಸತ್ತ. ತುಂಡುಗಳು ಹತ್ತಿರ ಹತ್ತಿರ ಒಂದು ಶತಮಾನ ಹಾಗೆಯೇ ಇದ್ದವು. ಕೊನೆಗೆ ಒಬ್ಬ ಕುಶಲಕರ್ಮಿ ಅವನ್ನು ಜೋಡಿಸಿ ತಂತಿ ಕಟ್ಟಿದರು. ಮಾಡಿದವನು ಒಮ್ಮೆಯೂ ಕೇಳದ ನಾದ ಅದು. ಈ ಟ್ರ್ಯಾಕಿನಲ್ಲಿ ನಾನು ಕಮಾನನ್ನು ಗಮನಿಸುವುದನ್ನೇ ಮರೆಯುತ್ತೇನೆ, ಒಪ್ಪಿಕೊಳ್ಳುತ್ತೇನೆ.

ಒಂದು ಆತಂಕವನ್ನೂ ಹೇಳಿಬಿಡುತ್ತೇನೆ. ಈಗಿನವರಲ್ಲಿ ಅನೇಕರು ಕಾಲೇಜಿನಲ್ಲಿ ಕಲಿತವರು. ನ್ಯೂಕ್ಯಾಸಲ್ ವಿಶ್ವವಿದ್ಯಾಲಯದಲ್ಲಿ 2001ರಿಂದ ಜನಪದ ಸಂಗೀತದ ಪದವಿ ಇದೆ. ಎಲ್ಲರ ಕೈಯೂ ಚುರುಕು, ಶ್ರುತಿ ಶುದ್ಧ. ಆದರೆ ಎಲ್ಲರೂ ಎಲ್ಲರನ್ನೂ ಕೇಳಿರುತ್ತಾರೆ. ಶೆಟ್‌ಲ್ಯಾಂಡಿನ ಹುಡುಗಿ ಐರಿಶ್ ಅಲಂಕಾರ ಹಾಕುತ್ತಾಳೆ, ಲಂಡನ್ನಿನ ಹುಡುಗ ಸ್ವೀಡನ್ನಿನ ಕಮಾನು ಹಿಡಿಯುತ್ತಾನೆ. ಊರಿನ ಮೂಗು ಮಾಸುತ್ತಿದೆಯಾ? 1998ರಲ್ಲಿ ಶುರುವಾದ ಬ್ಲೇಜಿನ್ ಫಿಡಲ್ಸ್ ತಂಡದವರು ಸ್ಕಾಟ್ಲೆಂಡಿನ ಬೇರೆ ಬೇರೆ ಸೀಮೆಯ ಪಿಟೀಲುಗಾರರನ್ನು ಒಂದೇ ವೇದಿಕೆಗೆ ತಂದರು. ಒಬ್ಬೊಬ್ಬರೇ ನುಡಿಸಿದಾಗ ಸೀಮೆ ಕೇಳಿಸುತ್ತದೆ, ಒಟ್ಟಿಗೆ ನುಡಿಸಿದಾಗ ತಂಡ ಕೇಳಿಸುತ್ತದೆ. ನನಗೆ ಒಂಟಿಯಾಗಿ ನುಡಿಸುವ ಭಾಗಗಳೇ ಜಾಸ್ತಿ ಇಷ್ಟ.

ಕೊನೆಯ ಟ್ರ್ಯಾಕ್ ‘ಗ್ಯಾಲೊಪೀಡ್’. ಇಂಗ್ಲೆಂಡಿನ ಯಾವ ಹಳ್ಳಿ ಕುಣಿತಕ್ಕೆ ಹೋದರೂ ಕೇಳಬಹುದಾದ ಸಾದಾ ಮಟ್ಟು. ಇದನ್ನು ಆರಿಸಲು ಕಾರಣವಿದೆ. ಮದ್ರಾಸಿನಲ್ಲಿ ಬಾಲುಸ್ವಾಮಿ ದೀಕ್ಷಿತರು ಐರೋಪ್ಯರಿಂದ ಪಿಟೀಲು ಕಲಿತು ನಮ್ಮ ಸಂಗೀತಕ್ಕೆ ತಂದರು ಅಂತ ನಮಗೆಲ್ಲ ಗೊತ್ತು. ಅವರ ಅಣ್ಣ ಮುತ್ತುಸ್ವಾಮಿ ದೀಕ್ಷಿತರು ಬ್ರಿಟಿಷರ ಬ್ಯಾಂಡು, ಪಿಟೀಲುಗಳಲ್ಲಿ ಕೇಳಿದ ಮಟ್ಟುಗಳಿಗೆ ಸಂಸ್ಕೃತ ಸಾಹಿತ್ಯ ಕಟ್ಟಿದರು. ಅವೇ ನೊಟ್ಟುಸ್ವರಗಳು. ಅವುಗಳಲ್ಲಿ ‘ಕಮಲಾಸನ ವಂದಿತ’ ಇದೇ ಗ್ಯಾಲೊಪೀಡ್ ಮಟ್ಟು ಅಂತ ಸಂಶೋಧಕರು ಗುರುತಿಸಿದ್ದಾರೆ. ಮುಂದಿನ ಸಾಲಿನಲ್ಲಿ ಕೂತ ಮಕ್ಕಳಿಗೆ ಅದು ಪಾಠವಾಗಿದೆ ಅಂತ ಅವರ ಮೇಡಂ ಹೇಳಿದರು. ಟ್ರ್ಯಾಕ್ ಹಾಕುತ್ತೇನೆ. ಮೊದಲ ಸುತ್ತು ಸುಮ್ಮನೆ ಕೇಳಿ, ಎರಡನೇ ಸುತ್ತಿಗೆ ನೀವೂ ಹಾಡಿ. ಪಿಟೀಲು ತಂದವರು ಖಾಲಿ ತಂತಿಯ ಮೇಲೆ ಬರೀ ಕಮಾನು ಆಡಿಸಿ. ಕಾಲು ತಟ್ಟಿದರೆ ಯಾರೂ ಬೈಯುವುದಿಲ್ಲ.