ಕೋಟೆಯಿಂದ ಎಂಟು ಚೋ ದೂರ

ಕೇಳುಗರೆಲ್ಲರಿಗೂ ನಮಸ್ಕಾರ.

ಇವತ್ತು ನಾನು ಒಂದು ಕೇರಿಯ ಬಗ್ಗೆ ಹೇಳಬೇಕು. ಜಪಾನಿನ ಐಚಿ ಪ್ರಾಂತದಲ್ಲಿ ಒಕಜಾಕಿ ಎಂಬ ಪಟ್ಟಣವಿದೆ. ಅಲ್ಲೊಂದು ಕೋಟೆ. ಕೋಟೆಯಿಂದ ಪಶ್ಚಿಮಕ್ಕೆ ಎಂಟು ಚೋ ನಡೆದರೆ ಈ ಕೇರಿ ಸಿಗುತ್ತದೆ. ನಮ್ಮ ಹಿರಿಯರು ದೂರವನ್ನು ಹರದಾರಿಯಲ್ಲಿ ಹೇಳುತ್ತಿದ್ದರಲ್ಲ, ಹಾಗೆ ಅವರ ಹಳೆಯ ಅಳತೆ ಚೋ. ಒಂದು ಚೋ ಅಂದರೆ ಸುಮಾರು 109 ಮೀಟರ್. ಎಂಟು ಚೋ ಅಂದರೆ ಸುಮಾರು 870 ಮೀಟರ್. ಜಪಾನಿ ಭಾಷೆಯಲ್ಲಿ ಎಂಟಕ್ಕೆ ಹಚಿ ಎನ್ನುತ್ತಾರೆ. ಹಚಿ, ಚೋ ಸೇರಿ ಹಚ್ಚೋ ಆಯಿತು. ಅದೇ ಕೇರಿಯ ಹೆಸರು. ಅಲ್ಲಿ ಮಾಡುವ ಮಿಸೊಗೆ, ಅಂದರೆ ಸೋಯಾ ಕಾಳು ಹುದುಗಿಸಿದ ಮುದ್ದೆಗೆ, ಹಚ್ಚೋ ಮಿಸೊ ಎಂದು ಹೆಸರು.

ಒಂದು ತಿನಿಸಿನ ಹೆಸರಿನಲ್ಲಿ ಊರು ಇರುವುದು ನಮಗೂ ಗೊತ್ತು. ಇಲ್ಲಿ ಊರಿನ ಜೊತೆಗೆ ದಾರಿಯ ಅಳತೆಯೂ ಇದೆ. ಹಾಗಾಗಿ ನಾನು ಅದನ್ನು ನಡೆದೇ ನೋಡಬೇಕು ಎಂದು ಹಟ ಹಿಡಿದೆ.

ನನ್ನ ಮಗ ನಗೋಯಾದಲ್ಲಿ ಕೆಲಸದಲ್ಲಿದ್ದಾನೆ. ಅಕ್ಟೋಬರಿನಲ್ಲಿ ಅವನ ಮನೆಗೆ ಹೋಗಿದ್ದೆ. ನಗೋಯಾದಿಂದ ಒಕಜಾಕಿಗೆ ರೈಲಿದೆ. ಮಿಸೊ ಮಾಡುವ ಮನೆಗಳು ಅವಕ್ಕೆ ಹತ್ತಿರದ ಸ್ಟೇಷನ್ನಿನಿಂದ ಐದು ನಿಮಿಷದ ದಾರಿ. "ಅಮ್ಮ, ಸೀದಾ ಅಲ್ಲಿಗೇ ಹೋಗೋಣ" ಎಂದ ಮಗ. ನಾನು ಮೊದಲು ಕೋಟೆಗೆ ಹೋಗೋಣ ಎಂದೆ. ಜಪಾನನ್ನು ಒಂದುಗೂಡಿಸಿ 1603ರಲ್ಲಿ ಶೋಗುನ್, ಅಂದರೆ ದೇಶ ಆಳುವ ಸೇನಾಧಿಪತಿ, ಆದ ತೊಕುಗಾವಾ ಇಎಯಾಸು ಹುಟ್ಟಿದ್ದು ಈ ಕೋಟೆಯಲ್ಲೇ. ಈಗ ಅಲ್ಲಿರುವುದು 1959ರಲ್ಲಿ ಮತ್ತೆ ಕಟ್ಟಿದ ಕಾಂಕ್ರೀಟ್ ಗೋಪುರ. ಅದರ ಬುಡದಿಂದ ಹೊರಟು, ಹೆಜ್ಜೆ ಎಣಿಸುತ್ತಾ ನಡೆದೆ. ಸಾವಿರ ದಾಟಿದ ಮೇಲೆ ಲೆಕ್ಕ ತಪ್ಪಿತು. ಯಾಕೆಂದರೆ ಅಷ್ಟು ಹೊತ್ತಿಗೆ ವಾಸನೆ ಬಂತು.

ಆ ವಾಸನೆಯನ್ನು ಹೇಗೆ ಹೇಳಲಿ? ನಮ್ಮ ಕಡೆ ಅಟ್ಟದ ಮೂಲೆಯಲ್ಲಿಟ್ಟ ಹಳೆಯ ಉಪ್ಪಿನಕಾಯಿ ಭರಣಿಯ ಬಾಯಿ ಬಿಚ್ಚಿದಾಗ ಬರುತ್ತದಲ್ಲ, ಉಪ್ಪು ಮತ್ತು ಕಾಲ ಎರಡೂ ಬೆರೆತ ಹಾಗೆ, ಅದರ ಜೊತೆ ಸ್ವಲ್ಪ ಹುರಿದ ಕಾಳಿನ ಪರಿಮಳ. ಮನೆಯ ಕಪ್ಪು ಹಲಗೆಯ ಗೋಡೆಗಳಿಂದಲೇ ಅದು ಬರುತ್ತಿತ್ತು.

ಆ ಕೇರಿಯಲ್ಲಿ ಹಚ್ಚೋ ಮಿಸೊ ಮಾಡುವ ಮನೆಗಳು ಎರಡೇ. ಒಂದು ಮಾರುಯಾ. ಅವರು ತಮ್ಮ ಆರಂಭವನ್ನು 1337 ಎಂದು ಹೇಳುತ್ತಾರೆ. ಇನ್ನೊಂದು ಕಾಕುಕ್ಯೂ, 1645ರದ್ದು. ನಡುವೆ ಒಂದು ಕಿರಿದಾದ ರಸ್ತೆ. ಆ ರಸ್ತೆಯೇ ಎದೋ ಮತ್ತು ಕ್ಯೋಟೋ ನಗರಗಳನ್ನು ಜೋಡಿಸುತ್ತಿದ್ದ ಹಳೆಯ ತೋಕೈಡೋ ಹೆದ್ದಾರಿ. ಎದೋ ಅಂದರೆ ಇವತ್ತಿನ ಟೋಕಿಯೊ. ರಸ್ತೆಯ ಆಚೆ ಒಬ್ಬರು, ಈಚೆ ಒಬ್ಬರು. ಎದುರುಬದುರು ಕೂತು, ಒಂದೇ ಪದಾರ್ಥವನ್ನು ನೂರಾರು ವರ್ಷಗಳಿಂದ ಮಾಡುತ್ತಿದ್ದಾರೆ.

ನಾವು ಕಾಕುಕ್ಯೂಗೆ ಹೋದೆವು. ಈ ಮನೆತನದ ಕಥೆ ಸ್ವಾರಸ್ಯವಾಗಿದೆ. ಇವರ ಪೂರ್ವಿಕರು ಇಮಗಾವಾ ಎಂಬ ದೊರೆಯ ಕಡೆಯ ಸಮುರಾಯಿಗಳಂತೆ. 1560ರ ಒಕೆಹಜಾಮಾ ಯುದ್ಧದಲ್ಲಿ ದೊರೆ ಸತ್ತ. ಇವರ ಹಿರಿಯ ತಪ್ಪಿಸಿಕೊಂಡು ಒಕಜಾಕಿಗೆ ಬಂದು, ಒಂದು ದೇವಾಲಯದಲ್ಲಿ ಆಶ್ರಯ ಪಡೆದ. ಅಲ್ಲಿ ಕತ್ತಿ ಕೆಳಗಿಟ್ಟು ಮಿಸೊ ಮಾಡುವುದನ್ನು ಕಲಿತ. ಮನೆಯವರು ಹೇಳಿಕೊಂಡು ಬಂದ ಕಥೆ ಇದು. ಇವತ್ತಿಗೂ ಆ ಮನೆಯ ಯಜಮಾನರಾಗುವವರು ಹಯಕಾವಾ ಕ್ಯೂಎಮೊನ್ ಎಂಬ ಒಂದೇ ಹೆಸರನ್ನು ತಲೆಮಾರಿನಿಂದ ತಲೆಮಾರಿಗೆ ಇಟ್ಟುಕೊಳ್ಳುತ್ತಾರೆ.

ಮಿಸೊ ಅಂದರೆ ಏನು ಎಂದು ಕೆಲವರಿಗೆ ಅನ್ನಿಸಬಹುದು. ಅದು ಸೋಯಾ ಕಾಳನ್ನು ಹುದುಗಿಸಿ ಮಾಡುವ ಗಟ್ಟಿ ಮುದ್ದೆ. ನೀರಿನಲ್ಲಿ ಕದಡಿ ಸಾರು ಮಾಡುತ್ತಾರೆ. ತರಕಾರಿಗೆ ಸವರಿ ಸುಡುತ್ತಾರೆ. ಜಪಾನಿನ ಹೆಚ್ಚಿನ ಕಡೆ ಇದಕ್ಕೆ ಅಕ್ಕಿಯನ್ನೂ ಸೇರಿಸುತ್ತಾರೆ. ಅದರ ಬಣ್ಣ ತಿಳಿ, ರುಚಿ ಸ್ವಲ್ಪ ಸಿಹಿ. ಇಲ್ಲಿ ಅಕ್ಕಿ ಇಲ್ಲ. ಸೋಯಾ ಕಾಳು, ಉಪ್ಪು, ನೀರು, ಇಷ್ಟೇ. ಬಣ್ಣ ನಮ್ಮ ಹಳೆಯ ಹುಣಸೆಹಣ್ಣಿನಂತೆ, ಹೆಚ್ಚುಕಡಿಮೆ ಕಪ್ಪು.

ಕಾಳನ್ನು ನೆನೆಸಿ, ಹಬೆಯಲ್ಲಿ ಬೇಯಿಸಿ, ಮುಷ್ಟಿ ಗಾತ್ರದ ಉಂಡೆ ಕಟ್ಟುತ್ತಾರೆ. ಆ ಉಂಡೆಗಳ ಮೇಲೆ ಕೋಜಿ ಎಂಬ ಬೂಷ್ಟಿನ ಬೀಜವನ್ನು ಉದುರಿಸುತ್ತಾರೆ. ಹೌದು, ಬೂಷ್ಟು. ನಮ್ಮಲ್ಲಿ ಯಾವುದಕ್ಕಾದರೂ ಬೂಷ್ಟು ಹಿಡಿದರೆ ಮೂಗು ಮುಚ್ಚಿಕೊಂಡು ಹೊರಗೆ ಎಸೆಯುತ್ತೇವೆ. ನಾವೂ ಹುಳಿ ಬರಿಸುತ್ತೇವೆ. ಇಡ್ಲಿ ಹಿಟ್ಟು, ಮೊಸರು ಎಲ್ಲ ಇದೆ. ಆದರೆ ಅದನ್ನು ಮಾಡುವ ಜೀವಿಗಳು ಬೇರೆ, ಒಂದು ರಾತ್ರಿಯಲ್ಲಿ ಕೆಲಸ ಮುಗಿಸುತ್ತವೆ. ಬೂಷ್ಟನ್ನೇ ಬೆಳೆ ಹಾಗೆ ಬೆಳೆಯುವುದು ನಮ್ಮ ಅಡುಗೆಮನೆಯಲ್ಲಿ ಇಲ್ಲ. ಅಲ್ಲಿ ಕೋಜಿಗೆ ಎಷ್ಟು ಮರ್ಯಾದೆ ಅಂದರೆ, 2006ರಲ್ಲಿ ಜಪಾನಿನ ಬ್ರೂಯಿಂಗ್ ಸೊಸೈಟಿ ಅದನ್ನು ದೇಶದ ಶಿಲೀಂಧ್ರ ಎಂದೇ ಘೋಷಿಸಿತು. ನಮಗೆ ರಾಷ್ಟ್ರಪಕ್ಷಿ ನವಿಲು ಇದ್ದ ಹಾಗೆ. 2024ರಲ್ಲಿ ಕೋಜಿಯಿಂದ ಸಾಕೆ ಎಂಬ ಅಕ್ಕಿಯ ಮದ್ಯ ಮಾಡುವ ವಿದ್ಯೆಯನ್ನು ಯುನೆಸ್ಕೋ ತನ್ನ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು. ಕೋಜಿ ಕಾಳಿನ ಪ್ರೋಟೀನನ್ನು ಚೂರು ಚೂರು ಮಾಡುತ್ತದೆ. ಆಗ ಹೊರಬರುವ ಗ್ಲುಟಮೇಟ್ ನಾಲಿಗೆಗೆ ತುಂಬಿದ ರುಚಿ ಕೊಡುತ್ತದೆ. ಕಿಕುನಾಎ ಇಕೆದಾ ಎಂಬ ವಿಜ್ಞಾನಿ 1908ರಲ್ಲಿ ಕೊಂಬು ಎಂಬ ಸಮುದ್ರ ಸಸ್ಯದಲ್ಲಿ ಇದನ್ನೇ ಗುರುತಿಸಿ, ಆ ರುಚಿಗೆ ಉಮಾಮಿ ಎಂದು ಹೆಸರಿಟ್ಟರು.

ಮಿಸೊ ಮಾಡುವ ಈ ಕೆಲಸವನ್ನೆಲ್ಲ ಹಳೆಯ ಸಲಕರಣೆ, ಆಳೆತ್ತರದ ಬೊಂಬೆಗಳ ಮೂಲಕ ತೋರಿಸುವ ಒಂದು ಸಂಗ್ರಹಾಲಯ ಅಲ್ಲಿದೆ. ಅದನ್ನು ನಾನು ಬೇಗ ನೋಡಿ ಮುಗಿಸಿದೆ. ನನಗೆ ಪೀಪಾಯಿಗಳ ಕೋಣೆ ನೋಡಬೇಕಿತ್ತು.

ಬಾಗಿಲು ತೆರೆದಾಗ ಒಳಗೆ ಅರೆಗತ್ತಲೆ. ಕಣ್ಣು ಹೊಂದಿಕೊಳ್ಳಲು ಸ್ವಲ್ಪ ಹೊತ್ತು ಬೇಕಾಯಿತು. ಆಮೇಲೆ ಸಾಲು ಸಾಲಾಗಿ ಕಂಡವು. ಸುಗಿ ಎಂಬ ಮರದ ಹಲಗೆಗಳನ್ನು ಜೋಡಿಸಿ, ಸುತ್ತಲೂ ಹೆಣೆದ ಬಿದಿರಿನ ಬಳೆ ತೊಡಿಸಿದ ಪೀಪಾಯಿಗಳು. ಎತ್ತರ ಸುಮಾರು ಎರಡು ಮೀಟರ್, ಅಗಲವೂ ಅಷ್ಟೇ. ಒಂದೊಂದರಲ್ಲಿ ಸುಮಾರು 6 ಟನ್ ಮಿಸೊ. ಅದರ ಮೇಲೆ ಕಲ್ಲು. ಒಂದೆರಡು ಕಲ್ಲಲ್ಲ, ಸುಮಾರು 3 ಟನ್ ಕಲ್ಲು. ಪೀಪಾಯಿಯ ಅಂಚಿನಿಂದ ಮೇಲಕ್ಕೆ ಗುಡ್ಡದ ಹಾಗೆ, ತುದಿಗೆ ಹೋದಂತೆ ಚೂಪಾಗಿ. ಎಲ್ಲವೂ ಹೊಳೆಯಲ್ಲಿ ಉರುಳಿ ನುಣುಪಾದ ಕಲ್ಲುಗಳು.

ನಾನು ನಿಂತಲ್ಲೇ ನಿಂತೆ. ಯಾಕೆ ಅಂತ ನಮ್ಮ ಕರಾವಳಿಯವರಿಗೆ ಕೂಡಲೇ ಗೊತ್ತಾಗುತ್ತದೆ. ನನ್ನ ಅಜ್ಜಿ ಹಲಸಿನ ಸೊಳೆಯನ್ನು ಉಪ್ಪಿನಲ್ಲಿ ಹಾಕಿ, ಭರಣಿಯ ಒಳಗೆ ಸೊಳೆಯ ಮೇಲೆ ಒಂದು ಹೊಳೆಕಲ್ಲು ಇಡುತ್ತಿದ್ದರು. ಉಪ್ಪುಸೊಳೆ ಮಳೆಗಾಲಕ್ಕೆ ಬೇಕಲ್ಲ. ಆ ಕಲ್ಲನ್ನು ಬೇರೆ ಯಾವ ಕೆಲಸಕ್ಕೂ ಮುಟ್ಟಲು ಬಿಡುತ್ತಿರಲಿಲ್ಲ. ತೊಳೆದು, ಒಣಗಿಸಿ, ಬಟ್ಟೆಯಲ್ಲಿ ಸುತ್ತಿ ಇಡುತ್ತಿದ್ದರು. ಆ ಒಂದು ಕಲ್ಲು ಇಲ್ಲಿ ಗುಡ್ಡವಾಗಿ ನಿಂತಿತ್ತು.

ಇಷ್ಟು ಕಲ್ಲು ಯಾಕೆ ಎಂದು ಮಗನ ಮೂಲಕ ಕೇಳಿದೆ. ಅಲ್ಲಿ ತೋರಿಸುತ್ತಿದ್ದ ಹುಡುಗಿ ತಾಳ್ಮೆಯಿಂದ ಹೇಳಿದಳು. ಹಚ್ಚೋ ಮಿಸೊಗೆ ಹಾಕುವ ನೀರು ತೀರಾ ಕಡಿಮೆ. ಆ ಸ್ವಲ್ಪ ನೀರು ಮೇಲಿನಿಂದ ಕೆಳಗಿನವರೆಗೂ ಸಮನಾಗಿ ಹರಡಬೇಕು. ಒಳಗೆ ಗಾಳಿ ನಿಲ್ಲಬಾರದು. ಅದಕ್ಕೇ ಪೀಪಾಯಿಗೆ ತುಂಬುವಾಗ ಕಾಲಿನಿಂದ ತುಳಿದು ಗಟ್ಟಿ ಮಾಡುತ್ತಾರೆ, ಆಮೇಲೆ ಕಲ್ಲಿನ ಭಾರ ಹೇರುತ್ತಾರೆ. ಕಲ್ಲುಗಳನ್ನು ಪಳಗಿದ ಕೆಲಸಗಾರರು ಒಂದೊಂದಾಗಿ ಕೈಯಲ್ಲೇ ಜೋಡಿಸುತ್ತಾರೆ. ನಡುವೆ ಸಿಮೆಂಟಿಲ್ಲ, ಹಗ್ಗವಿಲ್ಲ. ಭೂಕಂಪ ಬಂದರೂ ಜಾರಬಾರದು, ಹಾಗೆ ಕೂರಿಸಬೇಕು. ಕಲ್ಲು ಬಂದದ್ದು ಹತ್ತಿರದ ಯಹಗಿ ಹೊಳೆಯಿಂದ. ಹಿಂದೆ ಉಪ್ಪು, ಕಾಳು ದೋಣಿಯಲ್ಲಿ ಬರುತ್ತಿದ್ದದ್ದೂ ಅದೇ ಹೊಳೆಯ ದಾರಿಯಲ್ಲಿ.

ಹೀಗೆ ಭಾರ ಹೊತ್ತು ಎರಡು ಬೇಸಿಗೆ, ಎರಡು ಚಳಿಗಾಲ ಕಳೆಯಬೇಕು. ಯಾರೂ ಕೋಣೆಯನ್ನು ಬೆಚ್ಚಗೆ ಮಾಡುವುದಿಲ್ಲ. ಬೇಸಿಗೆಯ ಸೆಕೆಗೆ ಅದು ಹುದುಗುತ್ತದೆ, ಚಳಿಗೆ ನಿಧಾನವಾಗುತ್ತದೆ. ಕೆಲವು ಪೀಪಾಯಿಗಳಿಗೆ ನೂರು ವರ್ಷ ದಾಟಿದೆ. ಮರದ ಸಂದುಗಳಲ್ಲಿ, ಗೋಡೆಯಲ್ಲಿ, ತೊಲೆಗಳಲ್ಲಿ ಸೂಕ್ಷ್ಮಜೀವಿಗಳು ಮನೆ ಮಾಡಿಕೊಂಡಿವೆ. ಪೀಪಾಯಿಯನ್ನು ಬೇರೆ ಊರಿಗೆ ಸಾಗಿಸಬಹುದು. ಆ ಹೊಳೆಬದಿಯ ಸೆಕೆಯನ್ನು, ಆ ಗೋಡೆಯನ್ನು ಸಾಗಿಸಲು ಆಗುವುದಿಲ್ಲ ಅಲ್ವಾ?

ಈ ಮಾತಿನ ಹಿಂದೆ ಒಂದು ನೋವಿದೆ ಎಂದು ನನಗೆ ಆಮೇಲೆ ತಿಳಿಯಿತು. ರೈಲಿನಲ್ಲಿ ವಾಪಸು ಬರುವಾಗ ಮಗ ಫೋನಿನಲ್ಲಿ ಓದಿ ಹೇಳಿದ. ನಮ್ಮಲ್ಲಿ ಇರುವ ಹಾಗೆ ಜಪಾನಿನಲ್ಲೂ ಭೌಗೋಳಿಕ ಗುರುತಿನ ಪಟ್ಟಿ, ಅಂದರೆ ಜಿಐ ಟ್ಯಾಗ್ ಇದೆ. 2017ರ ಡಿಸೆಂಬರಿನಲ್ಲಿ ಅಲ್ಲಿನ ಕೃಷಿ ಸಚಿವಾಲಯ ಹಚ್ಚೋ ಮಿಸೊಗೆ ಜಿಐ ಕೊಟ್ಟಿತು. ಕೊಟ್ಟದ್ದು ಇಡೀ ಐಚಿ ಪ್ರಾಂತದ ತಯಾರಕರ ಸಂಘಕ್ಕೆ. ಆ ಸಂಘದಲ್ಲಿ ಹಚ್ಚೋ ಕೇರಿಯ ಎರಡು ಮನೆಗಳು ಇಲ್ಲ. ಆ ಜಿಐ ಪ್ರಕಾರ ಮರದ ಪೀಪಾಯಿಯೇ ಆಗಬೇಕೆಂದಿಲ್ಲ, ಉಕ್ಕಿನ ತೊಟ್ಟಿಯೂ ನಡೆಯುತ್ತದೆ. ಎರಡು ವರ್ಷ ಬೇಕಿಲ್ಲ, ಮೂರು ತಿಂಗಳು ಸಾಕು. ಮಾರುಯಾದವರು ಕೋರ್ಟಿಗೆ ಹೋದರು. 2024ರಲ್ಲಿ ಜಪಾನಿನ ಸುಪ್ರೀಂ ಕೋರ್ಟ್ ಕೂಡ ಅವರ ಮನವಿಯನ್ನು ತಳ್ಳಿಹಾಕಿತು.

ಪ್ರಾಂತದ ಬೇರೆ ತಯಾರಕರಿಗೂ ಅವರದ್ದೇ ವಾದ ಇದೆ. ಅವರೂ ಬಹಳ ಕಾಲದಿಂದ ಕಾಳಿನ ಮಿಸೊ ಮಾಡುತ್ತಾ ಬಂದವರು. ಅವರ ಹೊಟ್ಟೆಪಾಡೂ ಅದೇ. ಅದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೂ ನನಗೆ ಬೇಸರವಾಯಿತು. ಕೋಟೆಯಿಂದ ಎಂಟು ಚೋ ಎಂದು ಹೆಸರೇ ಹೇಳುತ್ತಿದೆ. ಐವತ್ತು ಕಿಲೋಮೀಟರ್ ಆಚೆ ಮಾಡಿದ್ದು ಎಂಟು ಚೋ ಹೇಗಾಗುತ್ತದೆ? ಈ ಮನೆಗಳು ಸುಲಭಕ್ಕೆ ಬಾಗಿದವಲ್ಲ. 1940ರಲ್ಲಿ ಯುದ್ಧಕಾಲದ ಬೆಲೆ ನಿಯಂತ್ರಣ ಬಂದಾಗ, ಆ ಬೆಲೆಗೆ ಹಳೆಯ ಕ್ರಮದಲ್ಲಿ ಮಾಡಲು ಆಗುವುದಿಲ್ಲ ಎಂದು ಎರಡೂ ಮನೆಗಳು ಕೆಲಸವನ್ನೇ ನಿಲ್ಲಿಸಿದ್ದವು. ರುಚಿ ಕೆಡಿಸಿ ಮಾರಲಿಲ್ಲ.

ನನಗೆ ಇದು ಇಷ್ಟು ತಾಗಲು ಇನ್ನೊಂದು ಕಾರಣ ಇದೆ. ನಾನು ಉಡುಪಿಯವಳು. ನಮ್ಮ ಮಟ್ಟುಗುಳ್ಳ ಎಲ್ಲರಿಗೂ ಗೊತ್ತು. ಮಟ್ಟು ಎಂಬ ಸಮುದ್ರದಂಚಿನ ಊರಿನ ಬದನೆ. ವಾದಿರಾಜರು ಕೊಟ್ಟ ಬೀಜ ಎಂದು ಊರವರು ಹೇಳುತ್ತಾರೆ. 2011ರಲ್ಲಿ ಅದಕ್ಕೆ ಜಿಐ ಸಿಕ್ಕಿತು. ಪೇಟೆಯಲ್ಲಿ ಬೇರೆ ಕಡೆಯ ಗುಳ್ಳವನ್ನೂ ಮಟ್ಟು ಹೆಸರಿನಲ್ಲಿ ಮಾರುವವರಿದ್ದಾರೆ ಎಂದು, ಬೆಳೆಗಾರರು ತಮ್ಮ ಕಾಯಿಗೆ ಚೀಟಿ ಅಂಟಿಸಿ ಕೊಡುತ್ತಾರೆ. ಆ ಚೀಟಿ ಮಟ್ಟುವಿನವರಿಗೇ ಸಿಗದೆ ಹೋಗಿದ್ದರೆ? ಯೋಚಿಸಿದರೆ ಹೊಟ್ಟೆಯಲ್ಲಿ ಒಂದು ಥರ ಆಗುತ್ತದೆ.

ಸಸ್ಯಾಹಾರಿಗಳಿಗೆ ಒಂದು ಮಾತು. ಜಪಾನಿಗೆ ಹೋದರೆ ಮಿಸೊ ಸಾರು ಎಲ್ಲ ಕಡೆ ಸಿಗುತ್ತದೆ. ಆದರೆ ಹೋಟೆಲಿನಲ್ಲಿ ಆ ಸಾರಿನ ನೀರನ್ನು ಹೆಚ್ಚಾಗಿ ಒಣ ಮೀನಿನಿಂದ ಮಾಡಿರುತ್ತಾರೆ. ಹಚ್ಚೋ ಮಿಸೊದಲ್ಲಿ ಮೀನಿಲ್ಲ, ಸಾರಿನಲ್ಲಿ ಇರುತ್ತದೆ. ಕೇಳಿಯೇ ಕುಡಿಯಿರಿ. ನಾನು ಮಗನ ಮನೆಯಲ್ಲಿ ಕೊಂಬು ನೆನೆಸಿದ ನೀರಿನಲ್ಲಿ ಮಾಡಿಕೊಂಡೆ, ತುಂಬಾ ಚೆನ್ನಾಗಿತ್ತು. ಜಾಸ್ತಿ ಹಾಕಬೇಡಿ, ಒಂದು ಬಟ್ಟಲಿಗೆ ಒಂದು ಸಣ್ಣ ಚಮಚ ಸಾಕು. ಮೊದಲು ಉಪ್ಪು, ಹಿಂದೆಯೇ ಸ್ವಲ್ಪ ಹುಳಿ, ಕೊನೆಗೆ ಎಳೆ ಅಡಿಕೆಯ ಹಾಗೆ ಒಂದು ಒಗರು. ಅದು ನಾಲಿಗೆಯಲ್ಲಿ ಬಹಳ ಹೊತ್ತು ಉಳಿಯುತ್ತದೆ.

ಅಲ್ಲಿನ ಅಂಗಡಿಯಲ್ಲಿ ಎರಡು ಪೊಟ್ಟಣ ಕೊಂಡು ತಂದೆ. ಜಪಾನಿನವರು ಬದನೆಯನ್ನು ಸೀಳಿ, ಸುಟ್ಟು, ಮೇಲೆ ಸಿಹಿ ಸೇರಿಸಿದ ಮಿಸೊ ಸವರಿ ತಿನ್ನುತ್ತಾರೆ. ನಾಸು ದೆಂಗಾಕು ಅಂತ ಅದರ ಹೆಸರು. ಡಿಸೆಂಬರಿನಲ್ಲಿ ಊರಿಗೆ ಬರುವಷ್ಟರಲ್ಲಿ ಮಟ್ಟುಗುಳ್ಳ ಪೇಟೆಗೆ ಬಂದಿತ್ತು. ಚೀಟಿ ಅಂಟಿಸಿದ್ದನ್ನೇ ಹುಡುಕಿ ತಂದು, ಎರಡು ಹೋಳು ಮಾಡಿ, ಎಣ್ಣೆ ಸವರಿ ಕಾವಲಿಯಲ್ಲಿ ಬಾಡಿಸಿದೆ. ಹಚ್ಚೋ ಮಿಸೊಗೆ ಒಂದು ಚೂರು ಬೆಲ್ಲ, ಎರಡು ಚಮಚ ನೀರು ಹಾಕಿ ಕದಡಿ, ಮೇಲೆ ಹಚ್ಚಿ ಮತ್ತೊಮ್ಮೆ ಬಿಸಿ ಮಾಡಿದೆ. ಏನೂ ಹೇಳದೆ ಮನೆಯವರಿಗೆ ಊಟದ ಜೊತೆ ಬಡಿಸಿದೆ.

ಅವರು ಒಂದು ತುತ್ತು ತಿಂದರು. ಇನ್ನೊಂದು ತಿಂದರು. "ಗುಳ್ಳ ಅಂತ ಗೊತ್ತಾಯ್ತು. ಮೇಲೆ ಎಂತ ಹಾಕಿದ್ದು ಮಾರಾಯ್ತಿ, ಹಳೇ ಹುಣಸೆಹಣ್ಣಾ?" ಎಂದು ಕೇಳಿದರು.

ನಾನು ಕೋಟೆಯಿಂದ ಶುರು ಮಾಡಿದೆ.

ನಮಸ್ಕಾರ.