ನಾಲ್ಕನೇ ಗೂಡು

ಎಲ್ಲರಿಗೂ ನಮಸ್ಕಾರ.

ನಾನು ಭಾಷಣ ಮಾಡಿ ಅಭ್ಯಾಸ ಇರುವವನಲ್ಲ. ಒಂದು ಪಾಲಿಟೆಕ್ನಿಕ್‌ನ ವರ್ಕ್‌ಶಾಪ್‌ನಲ್ಲಿ ಮೂವತ್ತು ವರ್ಷ ಹುಡುಗರಿಗೆ ಕಬ್ಬಿಣ ಉಜ್ಜುವ ಅರ ಹಿಡಿಯುವುದು ಹೇಗೆ ಅಂತ ಹೇಳಿಕೊಟ್ಟವನು. ಮಾತು ಸ್ವಲ್ಪ ಒರಟಾದರೆ ಅರದ ಸಹವಾಸ ಅಂದುಕೊಳ್ಳಿ.

ಬೆಳಿಗ್ಗೆ ನಿಮ್ಮ ಹೆಡ್‌ಮೇಡಂ ಶಾಲೆಯನ್ನೆಲ್ಲ ಸುತ್ತಾಡಿಸಿ ತೋರಿಸಿದರು. ಚೆನ್ನಾಗಿದೆ. ಲ್ಯಾಬ್‌ನಲ್ಲಿ ತ್ರೀ-ಡಿ ಪ್ರಿಂಟರ್ ಇದೆ, ಪಕ್ಕದ ಮೇಜಿನ ಮೇಲೆ ಕಬ್ಬಿಣವನ್ನು ಬಿಗಿಯಾಗಿ ಕಚ್ಚಿ ಹಿಡಿಯುವ ಎರಡು ಬೆಂಚ್ ವೈಸ್ ಇವೆ. ಬಾಗಿಲ ಹತ್ತಿರ ವೇಳಾಪಟ್ಟಿ ಅಂಟಿಸಿದ್ದರು. ಸೋಮವಾರ ರೋಬೋಟಿಕ್ಸ್, ಬುಧವಾರ ಚಿತ್ರಕಲೆ, ಶುಕ್ರವಾರ ಕೊನೇ ಪೀರಿಯಡ್ ನೀತಿಪಾಠ. ಕೊನೇ ಪೀರಿಯಡ್‌ನಲ್ಲಿ ಮಕ್ಕಳ ಕಿವಿ ಬೆಲ್ ಕಡೆಗೇ ಇರುತ್ತದೆ, ಅಲ್ವಾ? ನನ್ನ ಬೆನ್ನ ಹಿಂದಿನ ಬ್ಯಾನರ್‌ನಲ್ಲೂ ಮೂರು ಮಾತು ಬರೆದಿದ್ದೀರಿ: ತಂತ್ರಜ್ಞಾನ, ಸರ್ವಾಂಗೀಣ ಶಿಕ್ಷಣ, ಶೀಲ. ಇವು ಮೂರು ಪೀರಿಯಡ್ ಅಲ್ಲ, ಒಂದೇ ಕೆಲಸ ಅಂತ ಹೇಳುವುದಕ್ಕೇ ನಾನು ಇವತ್ತು ಬಂದಿರುವುದು. ಅದಕ್ಕೆ ಒಂದು ಶಾಲೆಯ ಕಥೆ ಹೇಳುತ್ತೇನೆ. ನಮ್ಮೂರಿನದಲ್ಲ, ಅಮೆರಿಕದ ಅಲಬಾಮಾ ರಾಜ್ಯದ್ದು.

ಅಲ್ಲಿ ಟಸ್ಕೀಗೀ ಅಂತ ಒಂದು ಊರು. ಗುಲಾಮಗಿರಿ ಕೊನೆಗೊಂಡು ಇನ್ನೂ ಇಪ್ಪತ್ತು ವರ್ಷವೂ ಆಗಿರಲಿಲ್ಲ. ಆ ಊರಿನಲ್ಲಿ ಲೂಯಿಸ್ ಆಡಮ್ಸ್ ಅಂತ ಒಬ್ಬರಿದ್ದರು. ಗುಲಾಮರಾಗಿ ಹುಟ್ಟಿದವರು. ತಗಡಿನ ಕೆಲಸ, ಚಪ್ಪಲಿ ಹೊಲಿಯುವುದು, ಕುದುರೆಯ ಜೀನು ಮಾಡುವುದು ಎಲ್ಲ ಕೈಗೆ ಬರುತ್ತಿತ್ತು. ನಮ್ಮ ಮಕ್ಕಳಿಗೂ ಒಂದು ಶಾಲೆ ಬೇಕು ಅಂತ ಓಡಾಡಿದವರಲ್ಲಿ ಅವರು ಮುಖ್ಯರು. ಸರ್ಕಾರ ಒಪ್ಪಿತು. ವರ್ಷಕ್ಕೆ 2,000 ಡಾಲರ್ ಮಂಜೂರಾಯಿತು. ಆದರೆ ಅದು ಮೇಷ್ಟ್ರ ಸಂಬಳಕ್ಕೆ ಮಾತ್ರ. ಜಾಗಕ್ಕೂ ಇಲ್ಲ, ಕಟ್ಟಡಕ್ಕೂ ಇಲ್ಲ! ಸರ್ಕಾರಿ ಕೆಲಸದಲ್ಲಿದ್ದವರಿಗೆ ಈ ರೀತಿಯ ಆದೇಶ ಹೊಸದೇನಲ್ಲ. ಮೆಷಿನ್ ಕೊಳ್ಳಲು ದುಡ್ಡು ಇರುತ್ತದೆ, ಅದನ್ನು ರಿಪೇರಿ ಮಾಡಿಸಲು ಇರುವುದಿಲ್ಲ.

ಮೇಷ್ಟ್ರಾಗಿ ಬಂದವರು ಬುಕರ್ ಟಿ. ವಾಷಿಂಗ್ಟನ್. ಅವರೂ ಗುಲಾಮರ ಮನೆಯಲ್ಲೇ ಹುಟ್ಟಿದವರು, ಆಗಿನ್ನೂ ಇಪ್ಪತ್ತೈದರ ಆಸುಪಾಸಿನ ಹುಡುಗ. 1881ರ ಜುಲೈ 4ರಂದು 30 ವಿದ್ಯಾರ್ಥಿಗಳೊಂದಿಗೆ ಶಾಲೆ ಶುರುವಾಯಿತು. ಚರ್ಚಿನ ಪಕ್ಕದ ಒಂದು ಹಳೇ ಗುಡಿಸಲೇ ಕ್ಲಾಸು. ಮಳೆ ಬಂದರೆ ಒಬ್ಬ ವಿದ್ಯಾರ್ಥಿ ಎದ್ದುಬಂದು ಮೇಷ್ಟ್ರ ತಲೆ ಮೇಲೆ ಕೊಡೆ ಹಿಡಿಯುತ್ತಿದ್ದ, ಮೇಷ್ಟ್ರು ಪಾಠ ಮುಂದುವರಿಸುತ್ತಿದ್ದರು.

ಆಮೇಲೆ ಊರಾಚೆ ಒಂದು ಪಾಳುಬಿದ್ದ ತೋಟ ಸಿಕ್ಕಿತು. ನೂರು ಎಕರೆ, ಬೆಲೆ 500 ಡಾಲರ್. ಅದರಲ್ಲಿ ಅರ್ಧ ಸಾಲ ತಂದು ಕಟ್ಟಿದರು. ಅಲ್ಲಿದ್ದ ಕುದುರೆ ಲಾಯ, ಕೋಳಿಗೂಡು ಗುಡಿಸಿ ತೊಳೆದು ಕ್ಲಾಸ್ ಮಾಡಿದರು. ನೆಲ ಹಸನು ಮಾಡಬೇಕಿತ್ತು. ವಿದ್ಯಾರ್ಥಿಗಳಿಗೆ ಮನಸ್ಸಿಲ್ಲ. ಅವರಲ್ಲಿ ಕೆಲವರು ಆಗಲೇ ಬೇರೆ ಕಡೆ ಮೇಷ್ಟ್ರಾಗಿದ್ದವರು. ಓದಿದವರು ಗುದ್ದಲಿ ಹಿಡಿಯುವುದೇ? ವಾಷಿಂಗ್ಟನ್ ಏನೂ ವಾದ ಮಾಡಲಿಲ್ಲ. ಮಧ್ಯಾಹ್ನ ಪಾಠ ಮುಗಿದ ಮೇಲೆ ತಾವೇ ಕೊಡಲಿ ಹಿಡಿದು ಕಾಡಿನ ಕಡೆ ನಡೆದರು. ಮೇಷ್ಟ್ರೇ ಹೊರಟ ಮೇಲೆ ಸುಮ್ನೆ ಕೂರುವುದಕ್ಕೆ ಹುಡುಗರಿಗೆ ನಾಚಿಕೆಯಾಯಿತು. ಹೀಗೆ ದಿನಾ ಮಧ್ಯಾಹ್ನದ ಮೇಲೆ ದುಡಿದು ಇಪ್ಪತ್ತು ಎಕರೆ ಹಸನು ಮಾಡಿದರು.

ಇನ್ನು ಅಪ್ಪ-ಅಮ್ಮಂದಿರು. ಈ ಮಾತನ್ನು ಇಲ್ಲಿ ಕೂತಿರುವ ನೀವೆಲ್ಲ ಸ್ವಲ್ಪ ಕೇಳಿಸಿಕೊಳ್ಳಿ. ಅವರು ಕಾಗದ ಬರೆದು ಕಳಿಸಿದರು. ನಮ್ಮ ಮಗನನ್ನು ಶಾಲೆಗೆ ಕಳಿಸಿರುವುದು ಓದಲಿಕ್ಕೆ, ಕೆಲಸ ಮಾಡಿಸಬೇಡಿ ಅಂತ. ಪುಸ್ತಕ ಎಷ್ಟು ದಪ್ಪ ಇದ್ದರೆ, ಅದರ ಹೆಸರು ಎಷ್ಟು ಉದ್ದ ಇದ್ದರೆ ಅಷ್ಟು ಖುಷಿ ಅವರಿಗೆ. ನಗಬೇಡಿ. ಅವರ ಅಪ್ಪ-ತಾತಂದಿರು ಇನ್ನೊಬ್ಬರ ಹೊಲದಲ್ಲಿ ಚಾವಟಿ ಏಟು ತಿಂದು ದುಡಿದವರು. ಕೈಕೆಲಸ ಅಂದರೆ ಅವರಿಗೆ ಅದೇ ನೆನಪು. ನಮ್ಮಲ್ಲೂ ಕೈಕೆಲಸಕ್ಕೆ ಜಾತಿ ಅಂಟಿಕೊಂಡಿದೆ. ನಾನು ಮಾಡಿದ್ದು ಸಾಕು, ನನ್ನ ಮಗ ಮಾಡುವುದು ಬೇಡ ಅನ್ನುವ ತಂದೆಯ ನೋವು ನನಗೆ ಗೊತ್ತು. ಅದನ್ನು ಅಜ್ಞಾನ ಅಂತ ತಳ್ಳಿಹಾಕಲು ಆಗುವುದಿಲ್ಲ.

ಈಗ ಇಟ್ಟಿಗೆಯ ಕಥೆಗೆ ಬರುತ್ತೇನೆ. ಶಾಲೆಗೆ ಕಟ್ಟಡ ಬೇಕು. ಊರಿನಲ್ಲಿ ಇಟ್ಟಿಗೆ ಮಾಡುವವರಿಲ್ಲ. ಸರಿ, ನಾವೇ ಮಾಡೋಣ ಅಂದರು. ಯಾರಿಗೂ ಗೊತ್ತಿಲ್ಲ. ಮಣ್ಣಿನ ಗುಂಡಿಯಲ್ಲಿ ಮೊಣಕಾಲುದ್ದ ಕೆಸರಲ್ಲಿ ನಿಂತು ತುಳಿಯಬೇಕು. ಅದನ್ನು ನೋಡಿಯೇ ಕೆಲವರು ಶಾಲೆ ಬಿಟ್ಟು ಹೋದರು. ಉಳಿದವರು ಸುಮಾರು 25,000 ಇಟ್ಟಿಗೆ ಕೊಯ್ದು ಗೂಡು ಒಟ್ಟಿ ಬೆಂಕಿ ಹಾಕಿದರು. ಸರಿಯಾಗಿ ಸುಡಲಿಲ್ಲ. ಎರಡನೇ ಗೂಡು ಒಟ್ಟಿದರು. ಅದೂ ಹಾಳಾಯಿತು. ಮೂರನೆಯದಕ್ಕೆ ವಾರವಿಡೀ ಉರಿ ಹಾಕಿದರು. ಇನ್ನೇನು ಕೆಲವೇ ಗಂಟೆಯಲ್ಲಿ ಇಟ್ಟಿಗೆ ಕೈಗೆ ಬರುತ್ತದೆ ಅನ್ನುವಾಗ, ನಡುರಾತ್ರಿ, ಗೂಡು ಕುಸಿದುಬಿತ್ತು.

ಕೈಯಲ್ಲಿ ಕಾಸಿಲ್ಲ. ಬಿಟ್ಟುಬಿಡಿ ಅಂತ ಜೊತೆಯ ಮೇಷ್ಟ್ರುಗಳೂ ಹೇಳಿದರು. ವಾಷಿಂಗ್ಟನ್ ತಮ್ಮ ಗಡಿಯಾರವನ್ನು ಮಾಂಟ್‌ಗೊಮರಿ ಪಟ್ಟಣಕ್ಕೆ ಒಯ್ದು 15 ಡಾಲರಿಗೆ ಗಿರವಿ ಇಟ್ಟರು. ಆ ದುಡ್ಡಿನಿಂದ ನಾಲ್ಕನೇ ಗೂಡು ಒಟ್ಟಿದರು. ಇಟ್ಟಿಗೆ ಬಂತು. ಗಡಿಯಾರ ಬಿಡಿಸಿಕೊಳ್ಳಲು ಆಗಲೇ ಇಲ್ಲ, ಅವಧಿ ಮುಗಿದುಹೋಯಿತು. 1900ರ ಹೊತ್ತಿಗೆ ಆ ಶಾಲೆಯ ಹುಡುಗರು ಒಂದೇ ಹಂಗಾಮಿನಲ್ಲಿ 12 ಲಕ್ಷ ಇಟ್ಟಿಗೆ ಸುಡುತ್ತಿದ್ದರು. ಕರಿಯರ ಶಾಲೆ ಅಂತ ಮೂಗು ಮುರಿಯುತ್ತಿದ್ದ ಬಿಳಿಯರೂ ಬಂದು ಕೊಂಡುಹೋದರು, ಇಟ್ಟಿಗೆ ಚೆನ್ನಾಗಿತ್ತಲ್ಲ!

ನನಗೆ ಇಷ್ಟವಾಗುವುದು ಇದರ ನಂತರದ ಒಂದು ಸಣ್ಣ ಸಂಗತಿ. ಹೊಸದಾಗಿ ಸೇರಿದ ಹುಡುಗ ಗೋಡೆ ಮೇಲೆ ಪೆನ್ಸಿಲ್‌ನಲ್ಲಿ ಗೀಚಲು ಹೋದರೆ ಹಳೇ ಹುಡುಗ ತಡೆಯುತ್ತಿದ್ದನಂತೆ. ಗೀಚಬೇಡ, ಇದು ನಮ್ಮ ಕಟ್ಟಡ, ಕಟ್ಟುವಾಗ ನಾನೂ ಇದ್ದೆ ಅಂತ. ಇಲ್ಲಿ ಯಾರಾದರೂ ನೀತಿಪಾಠ ಮಾಡಿದರಾ? ನಮ್ಮಲ್ಲಿ ಗೋಡೆ ಮೇಲೆ ಬರೆಯಬೇಡಿ ಅಂತ ಗೋಡೆ ಮೇಲೇ ಬರೆಯುತ್ತೇವೆ.

ನನ್ನ ವರ್ಕ್‌ಶಾಪ್‌ನಲ್ಲೂ ಇದನ್ನೇ ಕಂಡಿದ್ದೇನೆ. ಫಿಟ್ಟಿಂಗ್ ಸೆಕ್ಷನ್‌ನಲ್ಲಿ ಮೊದಲ ವರ್ಷದವರಿಗೆ ಎರಡು ಕಬ್ಬಿಣದ ತುಂಡು ಕೊಡುತ್ತಿದ್ದೆವು. ಒಂದರಲ್ಲಿ ವಿ ಆಕಾರದ ಮೂಗು, ಇನ್ನೊಂದರಲ್ಲಿ ಅದೇ ಆಕಾರದ ಕಚ್ಚು. ಅರದಿಂದ ಉಜ್ಜಿ ಉಜ್ಜಿ ಒಂದರೊಳಗೊಂದು ಕೂರಿಸಬೇಕು. ಆಮೇಲೆ ಕಿಟಕಿಯ ಬೆಳಕಿಗೆ ಹಿಡಿದು ನೋಡುವುದು. ಬೆಳಕು ತೂರಿದರೆ ಕೆಲಸ ಸರಿಯಾಗಿಲ್ಲ ಅಂತ. ಹುಡುಗರೇನು ಕಡಿಮೆಯೇ? ಸಂದು ಕಂಡರೆ ಸುತ್ತಿಗೆಯಿಂದ ಅಂಚನ್ನು ಮೆಲ್ಲಗೆ ಬಡಿದು ಮುಚ್ಚುತ್ತಿದ್ದರು. ಮೇಲೆ ಒಂದು ಸಲ ಅರ ಆಡಿಸಿ ಎಣ್ಣೆ ಸವರಿ, ಸರ್ ಆಯ್ತು ಅಂತ ತರುತ್ತಿದ್ದರು. ನಾನು ಬೈಯುತ್ತಿರಲಿಲ್ಲ. ಒಂದು ತುಂಡನ್ನು ಮಗುಚಿ ಹಾಕಿ ಮತ್ತೆ ಕೂರಿಸು ಅನ್ನುತ್ತಿದ್ದೆ. ಕೂರುತ್ತಿರಲಿಲ್ಲ. ಆಗ ಅವನ ಮುಖ ನೋಡಬೇಕಿತ್ತು. ಮೇಷ್ಟ್ರಿಗೆ ಸುಳ್ಳು ಹೇಳಬಹುದು, ಕಬ್ಬಿಣಕ್ಕೆ ಹೇಳಲಾಗದು ಅಂತ ಅವನಿಗೇ ಗೊತ್ತಾಗುತ್ತಿತ್ತು.

ಅದೇ ನಾನು ರೆಕಾರ್ಡ್ ಪುಸ್ತಕದ ವಿಷಯದಲ್ಲಿ ಏನು ಮಾಡಿದೆ ಗೊತ್ತಾ? ಸೀನಿಯರ್‌ಗಳ ರೆಕಾರ್ಡ್ ನೋಡಿ ಕಾಪಿ ಮಾಡುತ್ತಾರೆ ಅಂತ ಚೆನ್ನಾಗಿ ಗೊತ್ತಿತ್ತು. ರೀಡಿಂಗ್ ಕೂಡ ಅದೇ. ಆದರೂ ಅಕ್ಷರ ಚೆಂದ ಇದ್ದರೆ ಹತ್ತಕ್ಕೆ ಒಂಬತ್ತು ಕೊಟ್ಟು ಸಹಿ ಹಾಕಿದೆ. ಬೆಳಿಗ್ಗೆ ವೈಸ್ ಮುಂದೆ ಕಲಿತ ಪ್ರಾಮಾಣಿಕತೆಯನ್ನು ಮಧ್ಯಾಹ್ನ ನಾನೇ ನನ್ನ ಕೆಂಪು ಪೆನ್ನಿನಿಂದ ಅಳಿಸುತ್ತಿದ್ದೆ. ಇದು ನನಗೆ ಹೊಳೆದದ್ದು ರಿಟೈರ್ ಆದ ಮೇಲೆ.

ಟಸ್ಕೀಗೀಯಲ್ಲಿ ಎಲ್ಲ ಸರಿ ಇತ್ತು ಅಂತ ನಾನು ಹೇಳುವುದಿಲ್ಲ. ಹಾರ್ವರ್ಡ್‌ನಲ್ಲಿ ಡಾಕ್ಟರೇಟ್ ಪಡೆದ ಮೊದಲ ಕಪ್ಪು ವಿದ್ವಾಂಸ ಡಬ್ಲ್ಯೂ. ಇ. ಬಿ. ಡುಬಾಯ್ಸ್ 1903ರಲ್ಲಿ ವಾಷಿಂಗ್ಟನ್ನರನ್ನು ಕಟುವಾಗಿ ಟೀಕಿಸಿದರು. ಬರೀ ಕಸುಬು ಕಲಿಸಿ, ಮತದಾನದ ಹಕ್ಕು, ಉನ್ನತ ಶಿಕ್ಷಣದ ಮಾತು ಪಕ್ಕಕ್ಕಿಟ್ಟರೆ ಜನ ಯಾವಾಗ ತಲೆ ಎತ್ತುವುದು ಅಂತ ಕೇಳಿದರು. ಶಿಕ್ಷಣ ಇರುವುದು ಮನುಷ್ಯರನ್ನು ಬಡಗಿ ಮಾಡಲು ಅಲ್ಲ, ಬಡಗಿಯನ್ನು ಮನುಷ್ಯನನ್ನಾಗಿ ಮಾಡಲು ಅನ್ನುವುದು ಅವರ ವಾದದ ತಿರುಳು. ನನ್ನ ಮಟ್ಟಿಗೆ ಡುಬಾಯ್ಸ್ ಹೇಳಿದ್ದು ಸರಿ. ಶೀಲ ಅಂದರೆ ಹೇಳಿದ ಮಾತು ಕೇಳಿಕೊಂಡು ಬಿದ್ದಿರುವುದು ಅಂತಾದರೆ ಆ ಶೀಲ ಯಾರಿಗೆ ಬೇಕು? ನಾವು ಕೂಡ ಮಗು ಪ್ರಶ್ನೆ ಕೇಳದಿದ್ದರೆ ಒಳ್ಳೇ ಮಗು ಅನ್ನುತ್ತೇವೆ.

ಆದರೆ ಆ ಶಾಲೆಯ ಒಳಗೆ ನೋಡಿದರೆ ಇದ್ದದ್ದು ಬರೀ ಕಸುಬಲ್ಲ. ಕಟ್ಟಡಗಳ ನಕ್ಷೆ ಬರೆದ ರಾಬರ್ಟ್ ಟೇಲರ್ 1892ರಲ್ಲಿ ಅಮೆರಿಕದ ಹೆಸರಾಂತ ತಾಂತ್ರಿಕ ವಿದ್ಯಾಸಂಸ್ಥೆ ಎಂಐಟಿಯಿಂದ ಪದವಿ ಪಡೆದವರು, ಅಲ್ಲಿಂದ ಹೊರಬಂದ ಮೊದಲ ಕಪ್ಪು ಪದವೀಧರ. 1896ರಲ್ಲಿ ಕೃಷಿ ವಿಭಾಗಕ್ಕೆ ಬಂದ ಜಾರ್ಜ್ ವಾಷಿಂಗ್ಟನ್ ಕಾರ್ವರ್ ಮೊದಲು ಕಾಲೇಜು ಸೇರಿದ್ದು ಚಿತ್ರ ಬರೆಯುವುದನ್ನು ಕಲಿಯಲು. ಗಿಡಗಳನ್ನು ಅಷ್ಟು ಚೆನ್ನಾಗಿ ಬರೆಯುತ್ತಿದ್ದರು ಅಂತಲೇ ಅವರ ಟೀಚರ್ ಸಸ್ಯಶಾಸ್ತ್ರಕ್ಕೆ ಕಳಿಸಿದರು. ಟಸ್ಕೀಗೀಯಲ್ಲಿ ಲ್ಯಾಬ್ ಇರಲಿಲ್ಲ. ವಿದ್ಯಾರ್ಥಿಗಳ ಜೊತೆ ಗುಜರಿ ಆಯ್ದು ಹಳೇ ಬಾಟಲಿ, ಡಬ್ಬಗಳಿಂದ ಲ್ಯಾಬ್ ಕಟ್ಟಿದರು. ಹತ್ತಿ ಬೆಳೆದು ಬೆಳೆದು ಸತ್ವ ಹೋಗಿದ್ದ ನೆಲಕ್ಕೆ ಶೇಂಗಾ, ಗೆಣಸು ಹಾಕಿ ಅಂದರು. 1906ರಿಂದ ಗಾಡಿಯಲ್ಲಿ ಸಾಮಾನು ಹೇರಿ ರೈತರ ಮನೆಬಾಗಿಲಿಗೇ ಪಾಠ ಹೋಯಿತು. ಅವರ ಚಿತ್ರಕಲೆಯನ್ನು ಬೇರೆ, ವಿಜ್ಞಾನವನ್ನು ಬೇರೆ, ಸೇವೆಯನ್ನು ಬೇರೆ ಪೀರಿಯಡ್‌ಗೆ ಹಾಕಲು ಸಾಧ್ಯವೇ?

ನಮ್ಮ ಕಡೆಯ ಒಂದು ಉದಾಹರಣೆಯೂ ಇದೆ. ವಿಶ್ವೇಶ್ವರಯ್ಯನವರು ಅಂದರೆ ಎಲ್ಲರಿಗೂ ಕೆಆರ್‌ಎಸ್ ಅಣೆಕಟ್ಟು ನೆನಪಿಗೆ ಬರುತ್ತದೆ. ಭದ್ರಾವತಿ ಕಾರ್ಖಾನೆಯ ಕೆಲಸಕ್ಕಾಗಿ ತಮಗೆ ಬರಬೇಕಿದ್ದ ಹಣವನ್ನು ಅವರು ಬೆಂಗಳೂರಿನಲ್ಲಿ ಒಂದು ಕಸುಬಿನ ಶಾಲೆಗೆ ಕೊಟ್ಟರು. 1943ರಲ್ಲಿ ಅದು ಶುರುವಾಯಿತು. ತಮ್ಮ ಹೆಸರು ಇಡಿಸಿಕೊಳ್ಳಲಿಲ್ಲ, ಮಹಾರಾಜ ಜಯಚಾಮರಾಜೇಂದ್ರರ ಹೆಸರು ಇಟ್ಟರು. ನಾವು ಎಸ್‌ಜೆಪಿ, ಅಂದರೆ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ ಅನ್ನುವುದು ಅದನ್ನೇ.

ಈಗ ನಮ್ಮ ಕಾಲಕ್ಕೆ ಬರೋಣ. 2016ರಿಂದ ನೀತಿ ಆಯೋಗದ ಅಟಲ್ ಟಿಂಕರಿಂಗ್ ಲ್ಯಾಬ್‌ಗಳು ಬಂದಿವೆ. ಆರನೇ ಕ್ಲಾಸಿನಿಂದ ಹನ್ನೆರಡನೆಯವರೆಗಿನ ಮಕ್ಕಳಿಗೆ. ಒಂದು ಶಾಲೆಗೆ 20 ಲಕ್ಷ ರೂಪಾಯಿವರೆಗೆ ಅನುದಾನ. 2020ರ ಶಿಕ್ಷಣ ನೀತಿಯಲ್ಲಿ ಆರರಿಂದ ಎಂಟನೇ ಕ್ಲಾಸಿನ ಮಕ್ಕಳು ಹತ್ತು ದಿನ ಬ್ಯಾಗ್ ಬಿಟ್ಟು ಬಡಗಿ, ಕುಂಬಾರ, ತೋಟದ ಕೆಲಸದವರ ಹತ್ತಿರ ಕಲಿಯಬೇಕು ಅಂತಿದೆ. ಕಾಗದದ ಮೇಲೆ ಎಲ್ಲ ಚೆನ್ನಾಗಿದೆ. ಆದರೆ ನಾನು ನೋಡಿದ ಕೆಲವು ಲ್ಯಾಬ್‌ಗಳಲ್ಲಿ ಕಿಟ್ ಡಬ್ಬಿಯಿಂದ ಹೊರಗೇ ಬಂದಿರಲಿಲ್ಲ. ಕಾರಣ ಕೇಳಿದರೆ, ಮುರಿದರೆ ಆಡಿಟ್‌ನಲ್ಲಿ ಯಾರು ಉತ್ತರ ಕೊಡುವುದು ಅನ್ನುತ್ತಾರೆ. ಮೇಷ್ಟ್ರ ತಪ್ಪಲ್ಲ ಅದು. ಮುರಿದದ್ದನ್ನು ಬರೆದುಕೊಳ್ಳಲು ರಿಜಿಸ್ಟರ್‌ನಲ್ಲಿ ಒಂದು ಕಾಲಂ ಇಟ್ಟುಬಿಟ್ಟರೆ ಮುಗಿಯಿತು. ಇನ್ನು ಕೆಲವು ಕಡೆ ಕಿಟ್ ಹೊರಗೆ ಬರುತ್ತದೆ, ಆದರೆ ಚೀಟಿಯಲ್ಲಿ ಇರುವಂತೆ ಜೋಡಿಸಿ, ಫೋಟೋ ತೆಗೆದು, ಬಿಚ್ಚಿ ಇಡುತ್ತಾರೆ. ಅದರಲ್ಲಿ ಗೂಡು ಕುಸಿಯುವ ಸಂಭವವೇ ಇಲ್ಲವಲ್ಲ.

ಹಾಗಾಗಿ ನಿಮ್ಮಲ್ಲಿ ನನ್ನದು ಸಣ್ಣ ಬೇಡಿಕೆಗಳು. ಬಾಗಿಲಲ್ಲಿ ಬಹುಮಾನದ ಕಪ್ ಇಡುವ ಗಾಜಿನ ಕಪಾಟು ಇದೆಯಲ್ಲ, ಅದರಲ್ಲಿ ಒಂದು ಖಾನೆ ಖಾಲಿ ಮಾಡಿ. ಕೆಟ್ಟುಹೋದ ಮಾಡೆಲ್‌ಗಳನ್ನು ಅಲ್ಲಿಡಿ, ಯಾಕೆ ಕೆಟ್ಟಿತು ಅಂತ ಆ ಮಗುವೇ ಚೀಟಿ ಬರೆಯಲಿ. ತಪ್ಪು ರೀಡಿಂಗ್ ಬರೆದು ತಂದವನಿಗೆ ಮಾರ್ಕ್ಸ್ ಕಡಿಯಬೇಡಿ, ಕಾಪಿ ಹೊಡೆದ ಸರಿ ರೀಡಿಂಗ್‌ಗೆ ಕೊಡಬೇಡಿ. ಲ್ಯಾಬ್ ಗುಡಿಸುವ ಕೆಲಸ ಮಕ್ಕಳದ್ದೇ ಆಗಲಿ, ಮೇಷ್ಟ್ರೂ ಒಂದು ಪೊರಕೆ ಹಿಡಿಯಲಿ. ಹುಡುಗಿಯರು ಗುಡಿಸುವುದು, ಹುಡುಗರು ಮೋಟಾರ್ ತಿರುಗಿಸುವುದು ಅಂತ ಮಾತ್ರ ಆಗಬಾರದು. ಪಾಲಕರು ದಯವಿಟ್ಟು ಕಾಗದ ಬರೆಯಬೇಡಿ.

ನನ್ನ ಮಾತು ಸಾಕು. ಬೆಳಿಗ್ಗೆ ನೋಡಿದಾಗ ಆ ಎರಡು ವೈಸ್‌ಗಳ ಮೇಲಿನ ಪ್ಲಾಸ್ಟಿಕ್ ಕವರ್ ಇನ್ನೂ ತೆಗೆದಿರಲಿಲ್ಲ. ನನ್ನ ಚೀಲದಲ್ಲಿ ಎರಡು ಹಳೇ ಅರ ಇವೆ, ಒಂದಿಷ್ಟು ಕಬ್ಬಿಣದ ತುಂಡೂ ಇದೆ. ಊಟಕ್ಕೆ ಇನ್ನೂ ಅರ್ಧ ಗಂಟೆ ಇದೆ ಅಂತ ಮೇಡಂ ಹೇಳಿದರು. ಯಾರ್ಯಾರು ಬರುತ್ತೀರಿ?