ಹಾಳಾಗಲಿ, ಆಳಾಗಲಿ: ಶಾಪದ ಸದ್ದಿನ ಬಗ್ಗೆ

ಎಲ್ಲರಿಗೂ ನಮಸ್ಕಾರ.

ನೀವು ಕಳಿಸಿದ ಫ್ಯಾಂಟಸಿ ಕತೆಗಳನ್ನು ಓದಿಕೊಂಡೇ ಬಂದಿದ್ದೇನೆ. ಚೆನ್ನಾಗಿವೆ. ಕೋಟೆ ಇದೆ, ಕಾಡಿದೆ, ಮಾಂತ್ರಿಕ ಇದ್ದಾನೆ. ಆದರೆ ಅವನು ಶಾಪ ಹಾಕೋ ಹೊತ್ತಿಗೆ ಬಾಯಿಂದ ಲ್ಯಾಟಿನ್ ಥರದ್ದು ಏನೋ ಬರುತ್ತದೆ. ಅಲ್ಲಿವರೆಗೆ ಕನ್ನಡ ಮಾತಾಡಿದವನು ಅಲ್ಲಿ ಯಾಕೆ ಬಿಟ್ಟ? ಇವತ್ತು ನಾನು ಹೇಳಬೇಕು ಅಂದುಕೊಂಡಿರೋದು ಇಷ್ಟೇ: ನಿಮ್ಮ ಲೋಕ ಎಷ್ಟೇ ಕಲ್ಪನೆಯದಾಗಲಿ, ಅದರ ಶಾಪ ಕನ್ನಡದ ಸದ್ದಿನಲ್ಲೇ ಹುಟ್ಟಬೇಕು.

ನಮ್ಮಲ್ಲಿ ಶಾಪ 'ತಟ್ಟುತ್ತದೆ' ಅಂತೀವಿ. ಬಾಗಿಲು ತಟ್ಟಿದ ಹಾಗೆ. ತಟ್ಟಿದರೆ ಸದ್ದಾಗಬೇಕು, ಅಲ್ವಾ? ಅಲಮೇಲಮ್ಮನ ಶಾಪ ನಿಮಗೆಲ್ಲ ಬಾಯಿಪಾಠ: ತಲಕಾಡು ಮರಳಾಗಲಿ, ಮಾಲಂಗಿ ಮಡುವಾಗಲಿ, ಮೈಸೂರು ದೊರೆಗಳಿಗೆ ಮಕ್ಕಳಾಗದೆ ಹೋಗಲಿ. ಒಂದು ಸಲ ಜೋರಾಗಿ ಹೇಳಿ ನೋಡಿ. ಮ, ಮ, ಮ ಅಂತ ತುಟಿ ಮುಚ್ಚಿ ಮುಚ್ಚಿ ತೆರೆಯುತ್ತದೆ. ರಾಜ ಒಡೆಯರು ಶ್ರೀರಂಗಪಟ್ಟಣ ಹಿಡಿದಿದ್ದು 1610ರಲ್ಲಿ, ಆ ಕಾಲದ ಶಾಪ ಇದು. ನಾನೂರು ವರ್ಷ ಆದಮೇಲೂ ಈ ಮಾತು ಜನರ ಬಾಯಲ್ಲಿ ಉಳಿದಿರೋದಕ್ಕೆ ಆ ಮಕಾರವೇ ದೊಡ್ಡ ಕಾರಣ ಅಂತ ನನ್ನ ನಂಬಿಕೆ.

ಇನ್ನು ವೇದದ ದೇವಶಿಲ್ಪಿ ತ್ವಷ್ಟೃವಿನ ಕತೆ. ಇಂದ್ರನನ್ನು ಕೊಲ್ಲುವ ಮಗ ಬೇಕು ಅಂತ ಹೋಮ ಮಾಡಿ 'ಇಂದ್ರಶತ್ರು' ಅಂದ. ಸ್ವರ ಕೊನೆಯಲ್ಲಿ ಏರಿದರೆ 'ಇಂದ್ರನನ್ನು ಕೊಲ್ಲುವವನು'. ಅವನು ಮೊದಲಲ್ಲೇ ಏರಿಸಿದ. ಅರ್ಥ ತಿರುಗಿ 'ಇಂದ್ರನ ಕೈಯಲ್ಲಿ ಸಾಯುವವನು' ಅಂತಾಯಿತು. ಹುಟ್ಟಿದ ವೃತ್ರ ಹಾಗೇ ಸತ್ತ. ಅಕ್ಷರ ಒಂದೂ ತಪ್ಪಿಲ್ಲ ನೋಡಿ, ಬರೀ ದನಿ ತಪ್ಪಿತು.

ಈಗ ನನ್ನ ಅಜ್ಜಿಯ ಕೋಳಿ ವಿಷಯ. ಇದನ್ನು ಹೇಳದೆ ನನ್ನ ಕಾದಂಬರಿಯ ಶಾಪ ನಿಮಗೆ ಅರ್ಥ ಆಗೋದಿಲ್ಲ.

ಅಜ್ಜಿ ಮಂಡ್ಯ ಕಡೆಯವಳು. ಬಾಯಲ್ಲಿ 'ಹ' ಇಲ್ಲ. ಹಳ್ಳಿ ಅಳ್ಳಿ, ಹಾಲು ಆಲು, ಹಕ್ಕಿ ಅಕ್ಕಿ. ಒಂದಿನ ಅವಳ ಕೆಂಪು ಕೋಳಿ ಕಾಣೆಯಾಯಿತು. ಅಜ್ಜಿ ಬೀದಿಯಲ್ಲಿ ನಿಂತು, ಸೆರಗು ಸೊಂಟಕ್ಕೆ ಸಿಕ್ಕಿಸಿ, "ನನ್ ಕೋಳಿ ತಿಂದೋನ್ ಮನೆ ಆಳಾಗೋಗ" ಅಂತ ಮಣ್ಣು ತೂರಿದಳು. ನಾನಾಗ ಶಾಲೆಗೆ ಹೋಗಿ ಬಂದ ಜಾಣ. "ಅಜ್ಜಿ, ಆಳಾದ್ರೆ, ಗಟ್ಟಿ ಆಳಾದ್ರೆ, ಅವನಿಗೆ ಒಳ್ಳೇದೇ ಅಲ್ವಾ? ಹಾಳಾಗ ಅನ್ನು" ಅಂದೆ. "ನಾನೂ ಅದ್ನೇ ಅಂದಿದ್ದು ಕಣ್ಲಾ, ಆಳಾಗ ಅಂತ!" ಮೂರು ಸಲ ಹೇಳಿಸಿದೆ. ಮೂರು ಸಲವೂ ಆಳಾಗ. ಮೂರು ವಾರಕ್ಕೆ ಆ ಕೋಳಿ ಹುಲ್ಲಿನ ಬಣವೆ ಹಿಂದಿನಿಂದ ಏಳು ಮರಿ ಕಟ್ಟಿಕೊಂಡು ಬಂತು. ಕದ್ದವರು ಯಾರೂ ಇರಲಿಲ್ಲ, ಅದು ಕಾವಿಗೆ ಕೂತಿತ್ತು. ಅಜ್ಜಿ ಮರಿಗಳಿಗೆ ನುಚ್ಚು ಚೆಲ್ಲುತ್ತಾ, "ಸದ್ಯ, ಯಾರ್ಗೂ ತಟ್ಟಿಲ್ಲ ಬುಡು" ಅಂದಳು.

ಇದೇ ಮಾತಿಗೆ ಶಾಲೆಯಲ್ಲಿ ನನಗೆ ಏಟು ಬಿದ್ದಿತ್ತು. ಮೇಷ್ಟ್ರು ನನ್ನ ಅಂಗೈಯನ್ನೇ ನನ್ನ ಬಾಯಿ ಮುಂದೆ ಹಿಡಿಸಿ, "ಹ ಅನ್ನು, ಕೈಗೆ ಉಸಿರು ತಾಗಬೇಕು" ಅನ್ನೋರು. ತಾಗದಿದ್ದರೆ ಅದೇ ಅಂಗೈ ಮೇಲೆ ಬೆತ್ತ. ನಾನು ಹ ಕಲಿತೆ. ಕಲಿತು ಮನೆಗೆ ಬಂದು ಅಜ್ಜಿಯನ್ನು ತಿದ್ದಿದೆ. ಅದು ಇವತ್ತಿಗೂ ನನಗೆ ಚುಚ್ಚುತ್ತದೆ.

ನನ್ನ ಕಾದಂಬರಿಯ ಲೋಕದಲ್ಲಿ ಒಂದು ಕೆರೆಯಂಚಿನ ಊರಿದೆ. ಅಲ್ಲಿ ಶಾಪಕ್ಕೆ ಒಂದು ಕಟ್ಟಳೆ. ಮಾಂತ್ರಿಕ ಹೇಳಿದರೆ ಸಾಲದು, ಆ ಊರಿನ ಬಾಯೇ ಅದನ್ನು ಮೂರು ಸಲ ತಿರುಗಿ ಹೇಳಬೇಕು. ಆಗ ತಟ್ಟುತ್ತದೆ.

ಆ ಶಾಪದ 'ಹಾಳು' ಅನ್ನೋ ಮಾತಿಗೂ ಒಂದು ವಯಸ್ಸಿದೆ. ಕೆರೆ ಏರಿಯ ಕಲ್ಲಿನಲ್ಲಿ 'ಪಾೞ್' ಅಂತ ಕೆತ್ತಿದೆ. ಪಂಪನ ಕಾಲದ ಕನ್ನಡ ಅದು. ಪುಲಿ ಹುಲಿಯಾದ ಹಾಗೆ, ಪಳ್ಳಿ ಹಳ್ಳಿಯಾದ ಹಾಗೆ, ಪಾೞ್ ನಮ್ಮ ಬಾಯಲ್ಲಿ ಹಾಳು ಆಯಿತು. ಆ ೞ ಅಕ್ಷರ ನಮ್ಮಲ್ಲಿ ಹೋಯಿತು, ತಮಿಳು ಮಲಯಾಳದವರ ನಾಲಿಗೆಯಲ್ಲಿ ಆ ದನಿ ಇನ್ನೂ ಇದೆ. ಅಜ್ಜಿ ಬಾಯಲ್ಲಿ ಇನ್ನೊಂದು ಮೆಟ್ಟಿಲು ಇಳಿದು ಆಳು. ಪಾೞ್, ಹಾಳು, ಆಳು. ಸಾವಿರ ವರ್ಷದಲ್ಲಿ ಒಂದು ಬೈಗುಳ ಸವೆದು ಸವೆದು ಹೀಗಾಗಿದೆ! ಇಷ್ಟು ದೊಡ್ಡ ಮಾಯೆ ಮನೆಯಲ್ಲೇ ಇರುವಾಗ ಲ್ಯಾಟಿನ್ ಯಾಕೆ ಬೇಕು ಹೇಳಿ?

ಕಿವಿ ಬಗ್ಗೆ ಜಾಸ್ತಿ ಹೇಳಬೇಕಿತ್ತು. ಕಣ್ಣಿಗೆ ರೆಪ್ಪೆ ಇದೆ, ಕಿವಿಗಿಲ್ಲ. ಅದಕ್ಕೇ ಗ್ರೀಕರ ಕತೆಯ ಒಡಿಸ್ಸಿಯಸ್, ಸೈರನ್ ಅನ್ನೋ ಮಾಯಾವಿನಿಯರ ಹಾಡು ಕೇಳಬಾರದು ಅಂತ, ತನ್ನವರ ಕಿವಿಗೆ ಜೇನುಮೇಣ ತುಂಬಿಸಿದ. ಸದ್ದು ಸೆಕೆಂಡಿಗೆ ಸುಮಾರು 340 ಮೀಟರ್ ಹೋಗುತ್ತದೆ. ಅಂದರೆ ಕೆರೆಯ ಆಚೆ ದಡದಲ್ಲಿ, ಒಂದು ಕಿಲೋಮೀಟರ್ ದೂರದಲ್ಲಿ ಬಟ್ಟೆ ಒಗೆಯುವವರಿಗೆ ಮಾಂತ್ರಿಕ ಕೈ ಎತ್ತಿದ್ದು ಮೊದಲು ಕಾಣುತ್ತದೆ, ಮಾತು ಮುಟ್ಟೋಕೆ ಮೂರು ಸೆಕೆಂಡು ಬೇಕು. ಕಿವಿ ಮುಚ್ಚಿಕೊಳ್ಳೋಕೆ ಅಷ್ಟು ಸಾಕು. ಇಂಥ ಸಣ್ಣ ಲೆಕ್ಕ ಕತೆಯನ್ನು ನಂಬಿಸುತ್ತದೆ.

ಚೀಟಿ ಬಂತು, ಐದೇ ನಿಮಿಷ ಅಂತೆ. ತಾಳದ ಬಗ್ಗೆ, ಮೌನದ ಬಗ್ಗೆ ಬರೆದುಕೊಂಡು ಬಂದಿದ್ದೆ, ಇರಲಿ, ಊಟದ ಹೊತ್ತಿಗೆ ಸಿಗಿ. ನನ್ನ ಕಾದಂಬರಿಯ ಕೊನೆಯ ದೃಶ್ಯ ಹೇಳಿಬಿಡ್ತೀನಿ.

ಊರವರೆಲ್ಲ ಕಿವಿಗೆ ಹತ್ತಿ ತುರುಕಿಕೊಂಡು ಓಡಿದ್ದಾರೆ. ಕೋಳಿಗೂಡು ಮುಚ್ಚೋಕೆ ಅಂತ ಹಿಂದೆ ಉಳಿದ ಒಬ್ಬ ಮುದುಕಿ ಮಾಂತ್ರಿಕನಿಗೆ ಸಿಕ್ಕಿಬೀಳುತ್ತಾಳೆ. "ಈ ಊರು ಹಾಳಾಗಲಿ ಅನ್ನು" ಅಂತಾನೆ. ಅವಳಿಗೆ ಹೆದರಿಕೆ. ಹೇಳುತ್ತಾಳೆ: "ಈ ಊರು ಆಳಾಗ್ಲಿ." ಕೆರೆ ನೀರು ಅಲುಗುವುದಿಲ್ಲ. ಇನ್ನೊಂದು ಸಲ. "ಆಳಾಗ್ಲಿ." ಮಾಂತ್ರಿಕ ಬಗ್ಗಿ ತನ್ನ ಅಂಗೈಯನ್ನು ಅವಳ ಬಾಯಿ ಮುಂದೆ ಹಿಡಿಯುತ್ತಾನೆ. "ಹ ಅನ್ನು. ಉಸಿರು ತಾಗಬೇಕು." ಮುದುಕಿ ಆ ಕೈಯನ್ನೇ ನೋಡುತ್ತಾ ಮೂರನೇ ಸಲ ಹೇಳುತ್ತಾಳೆ. ಅಂಗೈಗೆ ಏನೂ ತಾಗುವುದಿಲ್ಲ.